ಪೇಟೆ, ಗುಡಿ ಮತ್ತು ದಾರಿ ತೋರುವವನು

ಪರಸ್ಥಳದಿಂದ ಬಂದವರನ್ನು ಒಟ್ಟುಗೂಡಿಸಿ, ತಲೆಗಿಷ್ಟೆಂದು ಹಣ ಪಡೆದು, ಊರಿನ ತರಕಾರಿ ಪೇಟೆಯನ್ನೂ ತಿಂಡಿಯ ಅಂಗಡಿಗಳನ್ನೂ ದೇವಸ್ಥಾನವನ್ನೂ ಕಾಲ್ನಡಿಗೆಯಲ್ಲಿ ತೋರಿಸಿಕೊಂಡು ಬರುವ ವೃತ್ತಿಯೊಂದು ಈಚಿನ ದಶಕಗಳಲ್ಲಿ ಪ್ರಪಂಚದ ನಾನಾ ನಗರಗಳಲ್ಲಿ ಬೇರೂರಿದೆ. ಬೆಂಗಳೂರಿನ ಹಳೆಯ ಪೇಟೆಯಲ್ಲಿ, ಬಸವನಗುಡಿಯ ಗಾಂಧಿ ಬಜಾರಿನಲ್ಲಿ, ಮೈಸೂರಿನ ದೇವರಾಜ ಮಾರುಕಟ್ಟೆಯಲ್ಲಿ ಬೆಳಗಿನ ತಂಪಿನಲ್ಲಿ ಇಂಥ ಗುಂಪುಗಳು ಹೂವಿನ ಬುಟ್ಟಿಗಳ ನಡುವೆ ದಾರಿ ಬಿಡಿಸಿಕೊಂಡು ಹೋಗುವುದನ್ನು ಕಂಡವರು, ಇದೇನು ಹೊಸ ಪರಿ ಎಂದು ಒಂದು ಕ್ಷಣ ಹುಬ್ಬೇರಿಸಿ, ಮರುಕ್ಷಣ ತಮ್ಮ ಚೌಕಾಸಿಗೆ ಮರಳುತ್ತಾರೆ. ಆದರೆ ಪ್ರಶ್ನೆ ಅಷ್ಟು ಸುಲಭವಾಗಿ ತೀರುವಂಥದಲ್ಲ. ಒಂದು ಜನಸಮುದಾಯ ಉಣ್ಣುವ ಬಗೆಯನ್ನೂ ಕೈಮುಗಿಯುವ ಬಗೆಯನ್ನೂ ಪರಕೀಯರ ಕುತೂಹಲಕ್ಕೆ ಒಡ್ಡುವುದು ಉಚಿತವೆ? ಉಚಿತವೆಂದಾದರೆ, ಹಾಗೆ ಒಡ್ಡುವ ಮಾರ್ಗದರ್ಶಕ ಯಾರಿಗೆ ಉತ್ತರವಾದಿ? ಹಣ ತೆತ್ತು ಬಂದ ಪ್ರವಾಸಿಗೋ, ಅಥವಾ ಯಾರ ಅಂಗಡಿಯ ಮುಂದೆ, ಯಾರ ದೇವರ ಮುಂದೆ ಆ ಪ್ರವಾಸಿಯನ್ನು ತಂದು ನಿಲ್ಲಿಸುತ್ತಾನೋ ಅವರಿಗೋ?

ಈ ಪ್ರಶ್ನೆಯನ್ನು ವಿಚಾರಿಸುವುದಕ್ಕೆ ಉಡುಪಿಯ ರಥಬೀದಿಗಿಂತ ಅಮೆರಿಕದ ಜಾರ್ಜಿಯಾ ಸಂಸ್ಥಾನದ ನಾರ್‌ಕ್ರಾಸ್ ಎಂಬ ಊರು ಹೆಚ್ಚು ತಕ್ಕ ಸ್ಥಳವೆಂದು ನನ್ನ ಭಾವನೆ. ರಥಬೀದಿಯಲ್ಲಿ ಮಾರ್ಗದರ್ಶಕನ ಅವಶ್ಯಕತೆ ಅಷ್ಟಾಗಿ ಇಲ್ಲ. ಅಲ್ಲಿ ಮಠಗಳು ದೇವರ ಸುತ್ತ ನಿಂತಿವೆ, ಹೂವು ತೆಂಗಿನಕಾಯಿಗಳ ಅಂಗಡಿಗಳು ಮಠಗಳ ನೆರಳಿನಲ್ಲಿವೆ, ಗೋಳಿಬಜೆಯ ವಾಸನೆ ಕೂಗಳತೆಯಲ್ಲೇ ಮೂಗಿಗೆ ಬಡಿಯುತ್ತದೆ, ಹೊಸಬನ ಕಾಲುಗಳೇ ಅವನಿಗೆ ದಾರಿ ತೋರುತ್ತವೆ. ನಮ್ಮ ಹಳೆಯ ಊರುಗಳಲ್ಲೆಲ್ಲ ಗುಡಿಯೂ ಪೇಟೆಯೂ ಒಂದನ್ನೊಂದು ಪೋಷಿಸಿಕೊಂಡೇ ಬೆಳೆದವು. ಕಾರ್ತಿಕದ ಕಡೆಯ ಸೋಮವಾರ ಬಸವನಗುಡಿಯ ದೊಡ್ಡ ಬಸವಣ್ಣನ ಸನ್ನಿಧಿಯಲ್ಲಿ ನೆರೆಯುವ ಕಡಲೆಕಾಯಿ ಪರಿಷೆಯಲ್ಲಿ ಪೂಜೆ ಎಲ್ಲಿ ಮುಗಿದು ವ್ಯಾಪಾರ ಎಲ್ಲಿ ಮೊದಲಾಯಿತೆಂದು ಗೆರೆಯೆಳೆದು ತೋರಿಸಬಲ್ಲವರು ಯಾರೂ ಇಲ್ಲ.

ನಾರ್‌ಕ್ರಾಸಿನ ಸಂಗತಿ ಇದಕ್ಕೆ ತೀರ ವಿಪರೀತವಾದದ್ದು. ಅಟ್ಲಾಂಟಾ ನಗರದ ಈಶಾನ್ಯಕ್ಕೆ ಗ್ವಿನೆಟ್ ಕೌಂಟಿಯಲ್ಲಿರುವ ಈ ಊರು 1870ರಲ್ಲಿ ರೈಲುದಾರಿಯ ಆಸರೆಯಲ್ಲಿ ಹುಟ್ಟಿತು. ಅದನ್ನು ಕಟ್ಟಿದ ಥ್ರ್ಯಾಷರ್ ಎಂಬಾತ ತನ್ನ ಮಿತ್ರನೂ ಅಟ್ಲಾಂಟಾದ ನಾಲ್ಕನೆಯ ಮೇಯರನೂ ಆಗಿದ್ದ ಜೊನಾಥನ್ ನಾರ್‌ಕ್ರಾಸನ ಹೆಸರನ್ನು ಅದಕ್ಕಿಟ್ಟನು. ಹಳಿಯ ಪಕ್ಕದ ಹಳೆಯ ಬೀದಿ, ಇಟ್ಟಿಗೆಯ ಕಟ್ಟಡಗಳು, ಥ್ರ್ಯಾಷರನ ಹೆಸರಿನ ಉದ್ಯಾನ ಇವೆಲ್ಲ ಇಂದಿಗೂ ಅಚ್ಚುಕಟ್ಟಾಗಿವೆ, ನಡೆಯುವುದಕ್ಕೂ ಹಿತವಾಗಿವೆ. ಆದರೆ ಊರಿನ ಈಗಿನ ಜೀವ ಅಲ್ಲಿಲ್ಲ. ಅದು ಇರುವುದು ಜಿಮ್ಮಿ ಕಾರ್ಟರ್ ಬೊಲೆವಾರ್ಡಿನ ಮೇಲೆ, ಮತ್ತು ಷಾಂಬ್ಲಿ, ಡೊರಾವಿಲ್‌ಗಳನ್ನು ಹಾಯ್ದು ಈ ಕಡೆಗೆ ಬರುವ ಬ್ಯೂಫರ್ಡ್ ಹೆದ್ದಾರಿಯ ಎರಡು ಬದಿಗಳಲ್ಲಿ. ವಿಯೆಟ್ನಾಮಿನವರ ಸೂಪಿನ ಅಂಗಡಿ, ಕೊರಿಯದವರ ಬೇಕರಿ, ಮೆಕ್ಸಿಕೋದವರ ಮಾಂಸದಂಗಡಿ, ಗುಜರಾತಿನವರ ದಿನಸಿ, ಹೈದರಾಬಾದಿನವರ ಬಿರಿಯಾನಿ ಇವೆಲ್ಲ ಅಲ್ಲಿ ಒಂದರ ಮಗ್ಗುಲಿಗೊಂದು, ಮುಂದೆ ವಿಸ್ತಾರವಾದ ಕಾರು ನಿಲ್ದಾಣವನ್ನು ಹರವಿಕೊಂಡು, ಒಂದೇ ಅಚ್ಚಿನಲ್ಲಿ ಎರಕ ಹೊಯ್ದಂಥ ಉದ್ದನೆಯ ಕಟ್ಟಡಗಳಲ್ಲಿ ನೆಲೆಸಿವೆ.

ಇಲ್ಲಿ ಕಾಲ್ನಡಿಗೆಯ ಪ್ರವಾಸ ಎಂಬ ಮಾತೇ ಒಂದು ವಿನೋದ. ಬ್ಯೂಫರ್ಡ್ ಹೆದ್ದಾರಿ ಅಗಲವಾದ, ವೇಗವಾದ ರಸ್ತೆ. ಬಹುಕಾಲ ಅದರ ಬಹುಭಾಗದಲ್ಲಿ ಕಾಲುದಾರಿಯೇ ಇರಲಿಲ್ಲವಾಗಿ, ಬಸ್ಸಿನಿಂದ ಇಳಿದು ಕೆಲಸಕ್ಕೂ ಅಂಗಡಿಗೂ ನಡೆದು ಹೋಗುತ್ತಿದ್ದ ಬಡ ವಲಸಿಗರ ಪಾದಗಳೇ ಹುಲ್ಲನ್ನು ಸವೆಸಿ, ಕೆಮ್ಮಣ್ಣಿನ ಸಣ್ಣ ಜಾಡೊಂದನ್ನು ಮೂಡಿಸಿದ್ದವು. ರಸ್ತೆ ದಾಟುವಾಗ ಪ್ರಾಣ ಕಳೆದುಕೊಂಡವರೂ ಉಂಟು. ಅಟ್ಲಾಂಟಾದ ಮಾರ್ಟಾ ರೈಲು ಡೊರಾವಿಲ್‌ನವರೆಗೆ ಬಂದು ನಿಂತಿದೆ. ಅದನ್ನು ತಮ್ಮ ಸೀಮೆಯೊಳಕ್ಕೆ ಬಿಟ್ಟುಕೊಳ್ಳುವ ಪ್ರಸ್ತಾಪವನ್ನು ಗ್ವಿನೆಟ್‌ನ ಮತದಾರರು 1971ರಲ್ಲಿ ತಿರಸ್ಕರಿಸಿದರು, 1990ರಲ್ಲಿ ತಿರಸ್ಕರಿಸಿದರು, 2019ರಲ್ಲಿಯೂ ತಿರಸ್ಕರಿಸಿದರು. ಹೀಗಾಗಿ ನಾರ್‌ಕ್ರಾಸಿನಲ್ಲಿ ಪೇಟೆಯಿಂದ ಗುಡಿಗೆ ಹೋಗುವವನು ಹೋಗಬೇಕಾದದ್ದು ಕಾರಿನಲ್ಲಿಯೇ. ಲಿಲ್ಬರ್ನಿನ ಸ್ವಾಮಿನಾರಾಯಣ ಮಂದಿರ ಏಳೆಂಟು ಮೈಲಿಯ ದೂರದಲ್ಲಿದೆ. ರಿವರ್‌ಡೇಲ್‌ನ ವೆಂಕಟೇಶ್ವರನ ದರ್ಶನಕ್ಕೆ ಇಡೀ ಮಹಾನಗರವನ್ನು ಹಾಯ್ದು, ವಿಮಾನ ನಿಲ್ದಾಣವನ್ನೂ ದಾಟಿ, ಸುಮಾರು 30 ಮೈಲಿ ಹೋಗಬೇಕು.

ಗುಡಿಯೂ ಪೇಟೆಯೂ ಹೀಗೆ ಅಗಲಿರುವ ಸ್ಥಳದಲ್ಲಿ ಅವುಗಳ ಹಳೆಯ ನಂಟನ್ನು ಕಣ್ಣಿಗೆ ಕಾಣುವಂತೆ ಮಾಡುವವರು ಯಾರಾದರೂ ಬೇಕಷ್ಟೆ. ಶುಕ್ರವಾರದ ಸಂಜೆ ಜಿಮ್ಮಿ ಕಾರ್ಟರ್ ಬೊಲೆವಾರ್ಡಿನ ಗ್ಲೋಬಲ್ ಮಾಲಿನಲ್ಲಿ ಸೀರೆ ಕೊಂಡ ಗೃಹಿಣಿಯೇ, ದಿನಸಿಯ ಅಂಗಡಿಯಲ್ಲಿ ತೆಂಗಿನಕಾಯಿ ಬಾಳೆಹಣ್ಣು ಕರ್ಪೂರಗಳನ್ನು ಕೊಂಡು, ಶನಿವಾರದ ಬೆಳಗ್ಗೆ ಅವುಗಳನ್ನು ರಿವರ್‌ಡೇಲ್‌ಗೆ ಒಯ್ಯುತ್ತಾಳೆಂಬುದು, ಇಲ್ಲಿ ಅಂಗಡಿಯೊಂದನ್ನೇ ನೋಡಿದವನಿಗೂ ತಿಳಿಯದು, ಅಲ್ಲಿ ಗೋಪುರವೊಂದನ್ನೇ ನೋಡಿದವನಿಗೂ ತಿಳಿಯದು. ಹೊಸಬನು ತಾನಾಗಿಯೇ ಕಂಡುಕೊಳ್ಳಲಿ, ಅದೇ ನಿಜವಾದ ಪ್ರವಾಸ ಎನ್ನುವವರ ವಾದ ಉಡುಪಿಗೆ ಒಪ್ಪೀತು; ನಾರ್‌ಕ್ರಾಸಿಗೆ ಒಪ್ಪದು. ಅಲ್ಲಿನ ನಾಮಫಲಕಗಳು ತಮ್ಮವರನ್ನು ಕರೆಯುವುದಕ್ಕೆಂದು ಬರೆದವು, ಪರರನ್ನು ಕರೆಯುವುದಕ್ಕಲ್ಲ. ಪಕ್ಕದ ಬೀದಿಯಲ್ಲಿ ಮೂವತ್ತು ವರ್ಷ ಬದುಕಿಯೂ ಆ ಬಾಗಿಲನ್ನು ಒಮ್ಮೆಯೂ ತಳ್ಳದವರು ಇದ್ದರೆ ಅದರಲ್ಲಿ ದ್ವೇಷವೇನೂ ಇಲ್ಲ, ಸಂಕೋಚ ಮಾತ್ರ.

ಬಾಗಿಲು ತಳ್ಳಿ ಒಳಕ್ಕೆ ಕರೆದುಕೊಂಡು ಹೋದ ಮೇಲೆ ಮಾರ್ಗದರ್ಶಕನು ಹೇಳತಕ್ಕದ್ದೇನು? ಇದು ಬೆಂಡೆ, ಇದು ಹಾಗಲ ಎಂದು ಹೆಸರು ಒಪ್ಪಿಸುವುದಕ್ಕೆ ಅವನು ಬೇಕಾಗಿಲ್ಲ. ಆ ಕೆಲಸವನ್ನು ಬೆಲೆಯ ಚೀಟಿಯೇ ಮಾಡುತ್ತದೆ. ಅಂಗಡಿಯ ತಣ್ಣನೆಯ ಕಪಾಟಿನಲ್ಲಿ ಹತ್ತಿಪ್ಪತ್ತು ಎಸಳು ಕರಿಬೇವನ್ನು ಸಣ್ಣದೊಂದು ಪ್ಲಾಸ್ಟಿಕ್ ಚೀಲದಲ್ಲಿಟ್ಟಿರುತ್ತಾರೆ. ನಮ್ಮೂರಿನಲ್ಲಿ ಕೊತ್ತಂಬರಿಯ ಜೊತೆಗೆ ಕೊಸರೆಂದು ಬುಟ್ಟಿಗೆ ಬೀಳುತ್ತಿದ್ದ ಈ ಎಲೆಗೆ ಇಲ್ಲಿ ಇಷ್ಟು ಬಿಂಕವೇಕೆ? ನಿಂಬೆ ಕಿತ್ತಳೆಗಳ ತೋಟಗಳನ್ನು ಹಾಳುಗೆಡಹುವ ರೋಗವೊಂದನ್ನು ಹರಡುವ ಪುಟ್ಟ ಕೀಟ ಕರಿಬೇವಿನ ಗಿಡದಲ್ಲಿಯೂ ಆಶ್ರಯ ಪಡೆಯುತ್ತದೆ. ಆದಕಾರಣ ಆ ಸೊಪ್ಪಿನ ಆಮದು ಸಾಗಾಟಗಳ ಮೇಲೆ ಸರ್ಕಾರದ ಬಿಗಿಯಾದ ಕಟ್ಟಳೆಗಳುಂಟು. ಫ್ಲಾರಿಡಾದ ಕಿತ್ತಳೆಯ ತೋಟಕ್ಕೂ ನಾರ್‌ಕ್ರಾಸಿನ ಒಂದು ಮನೆಯ ಒಗ್ಗರಣೆಗೂ ಇರುವ ಈ ಸಂಬಂಧವನ್ನು ಕೇಳಿದ ಪ್ರವಾಸಿ ಆ ಚೀಲವನ್ನು ಮತ್ತೆ ಹಗುರವಾಗಿ ನೋಡಲಾರ. ಅದೇ ಸಾಲಿನ ತುದಿಯಲ್ಲಿ ಎಂ.ಟಿ.ಆರ್.ನ ರವೆ ಇಡ್ಲಿಯ ಪುಡಿಯ ಪೊಟ್ಟಣವಿದ್ದರೆ, ಎರಡನೆಯ ಮಹಾಯುದ್ಧದ ಕಾಲದ ಅಕ್ಕಿಯ ಅಭಾವದಲ್ಲಿ ತಾವು ಅಕ್ಕಿಯ ಬದಲು ರವೆಯಿಂದ ಅದನ್ನು ಮಾಡತೊಡಗಿದೆವೆಂದು 1924ರಲ್ಲಿ ಹುಟ್ಟಿದ ಆ ಸಂಸ್ಥೆಯವರು ಹೇಳಿಕೊಳ್ಳುವುದನ್ನು ತಿಳಿಸಬಹುದು. ಇಂಥ ಕಾರಣಗಳನ್ನು ತಿಳಿಸುವವನಿಗೆ ಸಂಬಳ ಕೊಡುವುದು ನ್ಯಾಯ. ಕಾರಣವಿಲ್ಲದೆ ಬಣ್ಣಗಳನ್ನು ಮಾತ್ರ ತೋರಿಸುವವನಿಗೆ ಕೊಟ್ಟದ್ದು ದಂಡ.

ನೋಡುವುದಕ್ಕೂ ಒಂದು ಮಿತಿ ಬೇಕೆಂಬುದನ್ನು ಆ ಸೀಮೆಯ ಪೇಟೆಯೇ ಚೆನ್ನಾಗಿ ಅರಿತಿದೆ. ಡಿಕೇಟರಿನಲ್ಲಿ 1977ರಲ್ಲಿ ರಾಬರ್ಟ್ ಬ್ಲೇಜರ್ ಎಂಬವರು ಆರಂಭಿಸಿದ ‘ಯುವರ್ ಡಿಕ್ಯಾಬ್ ಫಾರ್ಮರ್ಸ್ ಮಾರ್ಕೆಟ್’ ಎಂಬ ಮಹಾಮಂಡಿಯಲ್ಲಿ ಸೂರಿನಿಂದ ನಾನಾ ರಾಷ್ಟ್ರಗಳ ಧ್ವಜಗಳು ಇಳಿಬಿದ್ದಿವೆ. ಕೆಲಸಗಾರರು ತಮ್ಮ ಹೆಸರಿನ ಕೆಳಗೆ ತಾವು ಆಡಬಲ್ಲ ಭಾಷೆಗಳನ್ನು ಬರೆದುಕೊಂಡ ಫಲಕವನ್ನು ಎದೆಯ ಮೇಲೆ ಧರಿಸಿರುತ್ತಾರೆ. ಮತ್ತು ಛಾಯಾಚಿತ್ರ ತೆಗೆಯುವುದು ಅಲ್ಲಿ ನಿಷಿದ್ಧ. ಗರ್ಭಗುಡಿಯ ಮುಂದೆ ಇರುವ ನಿಷೇಧ ಮೀನು ಬದನೆಗಳ ಮುಂದೆಯೂ ಇರುವುದನ್ನು ಕಂಡು ನಗುವವರಿದ್ದಾರು. ನನಗಂತೂ ಅದು ಬಹು ವಿವೇಕದ ನಿಯಮವಾಗಿ ತೋರುತ್ತದೆ. ದೇಶ ಬಿಟ್ಟು ಬಂದು, ಮೀನಿನ ಹೊಟ್ಟೆ ಸೀಳುತ್ತ ದಿನವಿಡೀ ನಿಂತಿರುವ ಮನುಷ್ಯ ಯಾರೊಬ್ಬರ ಫೋನಿನೊಳಗಿನ ದೃಶ್ಯವೂ ಅಲ್ಲ. ಅವನೊಡನೆ ವ್ಯವಹರಿಸಬೇಕಾದರೆ ಮಾತನಾಡಬೇಕು, ಮೀನು ಕೊಳ್ಳಬೇಕು.

ದೇವಸ್ಥಾನದ ವಿಚಾರ ಇದಕ್ಕಿಂತ ಸೂಕ್ಷ್ಮ. 2007ರಲ್ಲಿ ತೆರೆದ ಲಿಲ್ಬರ್ನಿನ ಮಂದಿರವನ್ನು ತುರ್ಕಿಯ ಸುಣ್ಣಕಲ್ಲು, ಇಟಲಿಯ ಅಮೃತಶಿಲೆ, ಭಾರತದ ಗುಲಾಬಿ ಮರಳುಗಲ್ಲುಗಳಿಂದ, ಕೈಯಿಂದ ಕೆತ್ತಿದ 34,000ಕ್ಕೂ ಮಿಕ್ಕಿದ ಕಲ್ಲಿನ ತುಂಡುಗಳನ್ನು ಜೋಡಿಸಿ ಕಟ್ಟಿದ್ದಾರೆ. ಅದು ಬಂದವರೆಲ್ಲ ನೋಡಲಿ ಎಂದೇ ಕಟ್ಟಿದ ಭವ್ಯಕೃತಿ, ನೋಡುವವರಿಗೆ ಅಲ್ಲಿ ಆದರವೂ ಉಂಟು. ತುಂಡುಚಡ್ಡಿಯಲ್ಲಿ ಬಂದವನಿಗೆ ಹೊರಹಾಕುವ ಮಾತನ್ನಾಡದೆ ಸುತ್ತಿಕೊಳ್ಳಲು ಒಂದು ವಸ್ತ್ರವನ್ನು ಕೊಡುತ್ತಾರೆ. ಆ ವಸ್ತ್ರವನ್ನು ಸೊಂಟಕ್ಕೆ ಸುತ್ತಿಕೊಂಡ ಗಳಿಗೆಯಲ್ಲಿ ಪ್ರವಾಸಿಯ ಸ್ಥಿತಿ ಬದಲಾಗುತ್ತದೆ. ನೋಡಲು ಬಂದವನು ಆ ಸ್ಥಳದ ಕಟ್ಟುಪಾಡಿಗೆ ಒಳಪಟ್ಟ ಅತಿಥಿಯಾಗುತ್ತಾನೆ. ರಿವರ್‌ಡೇಲ್‌ನಲ್ಲಿ ಭವ್ಯತೆ ಇಷ್ಟಿಲ್ಲ, ಬಳಕೆ ಹೆಚ್ಚು. ವೆಂಕಟೇಶ್ವರನಿಗೊಂದು, ಶಿವನಿಗೊಂದು ಎಂದು ಎರಡು ಗುಡಿಗಳು ಒಂದೇ ಆವರಣದಲ್ಲಿವೆ. ಅಲ್ಲಿ ಅಭಿಷೇಕ, ನಾಮಕರಣ, ಹೊಸ ಕಾರಿನ ಪೂಜೆ ಇವುಗಳ ನಡುವೆ ಪ್ರವಾಸಿಗೆಂದು ಬಿಡುವು ಮಾಡಿಕೊಂಡು ನಿಂತವರು ಯಾರೂ ಇರುವುದಿಲ್ಲ. ಮಾರ್ಗದರ್ಶಕನ ನಿಜವಾದ ಪರೀಕ್ಷೆ ನಡೆಯುವುದು ಇಂಥಲ್ಲಿ. ಮಹಾಮಂಗಳಾರತಿಯ ಹೊತ್ತಿನಲ್ಲಿ ತನ್ನ ವಿವರಣೆಯನ್ನು ನುಂಗಿಕೊಂಡು ಗುಂಪನ್ನು ಕಂಬದ ಮರೆಗೆ ಸರಿಸಬಲ್ಲವನು ಈ ವೃತ್ತಿಗೆ ಯೋಗ್ಯ.

ದೇವರನ್ನು ತೋರಿಸಿ ಹಣ ಪಡೆಯುವುದೇ ತಪ್ಪೆಂದು ಹೇಳುವವರಿದ್ದಾರೆ. ಅವರು ಗೋಕರ್ಣವನ್ನು ನೆನೆಯಬೇಕು. ಅಲ್ಲಿನ ಪುರೋಹಿತರ ಮನೆಗಳು ತಲೆತಲಾಂತರದಿಂದ ಯಾತ್ರಿಕರಿಗೆ ಜಗಲಿ ಕೊಟ್ಟು, ಊಟವಿಕ್ಕಿ, ಕೋಟಿತೀರ್ಥದಿಂದ ಮಹಾಬಲೇಶ್ವರನವರೆಗೆ ಕರೆದೊಯ್ದು, ದಕ್ಷಿಣೆ ಪಡೆದವು. ಅದರಿಂದ ಕ್ಷೇತ್ರದ ಮಹಿಮೆ ಕುಂದಿತೆಂದು ಯಾರೂ ಹೇಳಿಲ್ಲ. ದಾರಿ ತೋರುವವನು ಹೊಸಬನಲ್ಲ, ದುಡ್ಡೂ ಹೊಸದಲ್ಲ; ಹೊಸದೆಂದರೆ ಬರುವವನ ಉದ್ದೇಶ. ಅಂದಿನವನು ಪುಣ್ಯಕ್ಕೆ ಬಂದನು, ಇಂದಿನವನು ತಿಳಿವಳಿಕೆಗೋ ವಿನೋದಕ್ಕೋ ಬರುತ್ತಾನೆ. ಹಾಗೆ ತಿಳಿಯಲು ಬಂದವರೂ ಪೂರ್ವಕಾಲದಲ್ಲಿ ಇಲ್ಲದಿರಲಿಲ್ಲ. 1443ರಲ್ಲಿ ಪಾರಸಿಕ ರಾಯಭಾರಿ ಅಬ್ದುರ್ ರಜಾಕನು ವಿಜಯನಗರದ ಪೇಟೆಗಳನ್ನು ಸುತ್ತಿ, ಅಲ್ಲಿನ ಜನಕ್ಕೆ ಅನ್ನದಷ್ಟೇ ಗುಲಾಬಿಯೂ ಬೇಕೆಂದು ಬೆರಗಾಗಿ ಬರೆದಿಟ್ಟದ್ದರಿಂದಲೇ ನಮಗೆ ಆ ಹೂವಿನಂಗಡಿಗಳ ನೆನಪು ಉಳಿದಿದೆ.

ಭಯಪಡಬೇಕಾದದ್ದು ಬೇರೆಯ ಸಂಗತಿಗೆ. ಅದೇ ವಿಜಯನಗರದ ನೆಲೆಯಾದ ಹಂಪಿಯಲ್ಲಿ ವಿರೂಪಾಕ್ಷನ ಮುಂದಣ ಸಾಲುಮಂಟಪಗಳಲ್ಲಿ ಮನೆ ಮಾಡಿಕೊಂಡು, ಇಡ್ಲಿ ಮಾರಿ, ಹೂವು ಮಾರಿ, ಯಾತ್ರಿಕರಿಗೆ ಇಳಿದುಕೊಳ್ಳಲು ಕೋಣೆ ಕೊಟ್ಟು ಬದುಕುತ್ತಿದ್ದ ಜನರನ್ನು 2011ರಲ್ಲಿ ಒಕ್ಕಲೆಬ್ಬಿಸಲಾಯಿತು. ಸ್ಮಾರಕದ ರಕ್ಷಣೆಯ ಕಾರಣವನ್ನು ಮುಂದಿಟ್ಟು ಆ ಬಜಾರನ್ನು ಬರಿದು ಮಾಡಲಾಯಿತು. ಈಗ ಅಲ್ಲಿ ಕಂಬಗಳು ಶುಭ್ರವಾಗಿ ಕಾಣುತ್ತವೆ, ಪೇಟೆ ಮಾತ್ರ ಇಲ್ಲ. ಶಿಲೆಗೆ ಹಾನಿಯಾಗುತ್ತಿತ್ತೆಂಬುದು ಸುಳ್ಳಲ್ಲ. ಆದರೆ ಗುಡಿಯ ಮುಂದೆ ಕೊಡುವುದು ಕೊಳ್ಳುವುದು ನಡೆಯುತ್ತಿದ್ದುದೂ ಆ ಪರಂಪರೆಯ ಭಾಗವೇ ಆಗಿತ್ತಲ್ಲ. ನೋಡುವವನ ಸುಖಕ್ಕೆಂದು ಬದುಕುವವನನ್ನು ಬದಿಗೆ ಸರಿಸುವ ಈ ಪ್ರವೃತ್ತಿಗೆ ನಾರ್‌ಕ್ರಾಸಿನಲ್ಲಿ ಬೇರೊಂದು ರೂಪ ಬಂದೀತು. ಪ್ರವಾಸಿಗಳ ನಾಲಗೆಗೆಂದು ಖಾರ ಇಳಿಯುತ್ತದೆ, ಅವರ ಕಣ್ಣಿಗೆಂದು ಗೋಡೆಗೆ ಚಿತ್ರ ಏರುತ್ತದೆ, ಅಂದದ ಬೀದಿಗೆ ಬಾಡಿಗೆಯೂ ಏರುತ್ತದೆ. ಏರಿದ ಬಾಡಿಗೆಯನ್ನು ತೆರಲಾರದೆ ಮೊದಲು ಬಾಗಿಲು ಹಾಕುವವನು ಯಾರ ಅಂಗಡಿಯನ್ನು ನೋಡಲು ಜನ ಬಂದಿದ್ದರೋ ಅವನೇ.

ಇದರಿಂದ ಹೊರಡುವ ನಿರ್ಣಯ ಸ್ಪಷ್ಟವಾಗಿಯೇ ಇದೆ. ಪೇಟೆಯನ್ನೂ ಗುಡಿಯನ್ನೂ ತೋರಿಸುವವನು ಮೊದಲು ಅಂಗಡಿಯವನಿಗೂ ಅರ್ಚಕನಿಗೂ ಭಕ್ತರಿಗೂ ಉತ್ತರವಾದಿ. ಪ್ರವಾಸಿಗೆ ಆ ಮೇಲೆ. ಬರುವ ದಿನವನ್ನೂ ಗುಂಪಿನ ಗಾತ್ರವನ್ನೂ ಅವರ ಒಪ್ಪಿಗೆ ಪಡೆದು ಗೊತ್ತುಮಾಡಬೇಕು. ಕಿರಿದಾದ ಅಂಗಡಿಗೆ ಇಪ್ಪತ್ತು ಜನರನ್ನು ನುಗ್ಗಿಸಿ, ಅರ್ಧ ಗಂಟೆ ಉಪನ್ಯಾಸ ಮಾಡಿ, ಏನೂ ಕೊಳ್ಳದೆ ಹೊರಡುವುದು ವಿದ್ಯಾವ್ಯಾಸಂಗವಲ್ಲ, ಉಪದ್ರವ. ಕೊಳ್ಳುವುದನ್ನು ಪ್ರವಾಸದ ಕಟ್ಟಳೆಯಾಗಿಯೇ ಮಾಡಬೇಕು. ಒಂದು ಕಟ್ಟು ಮೆಂತ್ಯದ ಸೊಪ್ಪು ಕೊಂಡು, ಅದನ್ನು ಏನು ಮಾಡಬೇಕೆಂದು ಗಲ್ಲೆಯ ಹಿಂದಿನ ಹೆಂಗಸನ್ನು ಕೇಳಿದ ಪರಕೀಯ ಮರುವಾರ ಮಾರ್ಗದರ್ಶಕನಿಲ್ಲದೆ ಆ ಬಾಗಿಲಿಗೆ ಬಂದಾನು; ಸುಮ್ಮನೆ ನೋಡಿ ಹೋದವನು ಎಂದೂ ಬಾರ.

ಒಂದು ಮಾತು ನಮ್ಮವರಿಗೆ. ಅಟ್ಲಾಂಟಾ ಪ್ರಾಂತದ ಕನ್ನಡಿಗರಿಗೆ ನೃಪತುಂಗ ಕನ್ನಡ ಕೂಟವಿದೆ. 2012ರಲ್ಲಿ ಅಮೆರಿಕದ ಕನ್ನಡ ಕೂಟಗಳ ಒಕ್ಕೂಟವಾದ ‘ಅಕ್ಕ’ದ ವಿಶ್ವ ಕನ್ನಡ ಸಮ್ಮೇಳನವೂ ಆ ನಗರದಲ್ಲೇ ನೆರವೇರಿತು. ದೊಡ್ಡ ಸಮ್ಮೇಳನಗಳನ್ನು ನಡೆಸಬಲ್ಲವರಿಗೆ ತಿಂಗಳಿಗೊಮ್ಮೆ ಹತ್ತು ಜನರನ್ನು ಅಂಗಡಿಗೂ ಗುಡಿಗೂ ಕರೆದೊಯ್ಯುವುದು ದೊಡ್ಡ ಹೊರೆಯಲ್ಲ. ಊರಿನಿಂದ ಬಂದು ಮಕ್ಕಳ ಮನೆಯಲ್ಲಿ ಆರು ತಿಂಗಳ ಮಟ್ಟಿಗೆ ಇರುವ ತಂದೆತಾಯಿಗಳು, ಕಾರು ಓಡಿಸಲಾರದೆ, ನಡೆಯಲು ದಾರಿಯಿಲ್ಲದೆ, ಕಿಟಕಿಯ ಬಳಿ ಕುಳಿತು ಹಗಲು ನೂಕುವುದನ್ನು ಎಲ್ಲರೂ ಬಲ್ಲೆವು. ಬದನೆಯ ಎಳಸನ್ನು ಉಗುರಿನಿಂದ ಪರೀಕ್ಷಿಸಬಲ್ಲ, ಯಾವ ಪೂಜೆಗೆ ಯಾವ ನೈವೇದ್ಯವೆಂದು ಹೇಳಬಲ್ಲ ಅವರಿಗಿಂತ ಒಳ್ಳೆಯ ಮಾರ್ಗದರ್ಶಕರು ಆ ಊರಿನಲ್ಲಿ ಸಿಕ್ಕುವುದು ದುರ್ಲಭ. ಇಂಗ್ಲಿಷಿನ ಕೊರತೆಯನ್ನು ಮೊಮ್ಮಕ್ಕಳು ತುಂಬಿಕೊಟ್ಟಾರು. ಕೂಟದವರು ಮುಂದಿನ ದೀಪಾವಳಿಗೆ ಮೊದಲು ಇದನ್ನೊಮ್ಮೆ ನಡೆಸಿ ನೋಡಲಿ. ನೆರೆಮನೆಯ ಅಮೆರಿಕನ್ನರನ್ನು ಕರೆಯಲಿ. ಮತ್ತು ಪ್ರತಿಯೊಬ್ಬರೂ ಒಂದು ಚೀಲವನ್ನು ಮರೆಯದೆ ತರಬೇಕೆಂದು ಆಹ್ವಾನದಲ್ಲಿಯೇ ಬರೆಯಲಿ.