ಕೊಂದು ಹೊರಟವನು, ಗೆದ್ದು ಬಿಟ್ಟವನು

ಕಳೆದ ಚಾತುರ್ಮಾಸದಲ್ಲಿ ರಾಯಚೂರಿನ ಪಾಠಶಾಲೆಯೊಂದರಲ್ಲಿ ಮಕ್ಕಳಿಗೆ ಪುರಾಣಕಥೆ ಹೇಳುವ ಸರದಿ ನನ್ನ ಪಾಲಿಗೆ ಬಂದಿತ್ತು. ಪೀಠಿಕೆಯಾಗಿ "ಬಾಹುಬಲಿ ಯಾರು?" ಎಂದು ಕೇಳಿದೆ. ಹತ್ತು ವರ್ಷದ ಬಾಲಕನೊಬ್ಬ ತಟ್ಟನೆ ಎದ್ದು, ಶಿವಲಿಂಗವನ್ನು ಹೆಗಲ ಮೇಲೆ ಹೊತ್ತು ಜಲಪಾತದ ಕೆಳಗೆ ಇಟ್ಟವನು ಎಂದ. ಅವನ ಪಕ್ಕದಲ್ಲಿದ್ದವಳು, ಅಷ್ಟೇ ಅಲ್ಲ, ಭಲ್ಲಾಳದೇವನ ಮಗನ ತಲೆ ಹಾರಿಸಿದವನು ಎಂದು ತಿದ್ದಿದಳು. ಉಳಿದ ಮಕ್ಕಳು ನಕ್ಕರು. ಉತ್ತರ ತಪ್ಪೆಂದು ನಕ್ಕದ್ದಲ್ಲ. ಇಷ್ಟೂ ತಿಳಿಯದ ಮಾಸ್ತರನನ್ನು ಕಂಡು ನಕ್ಕದ್ದು. ಅವರ ತಲೆಯ ಮೇಲೆ ಗೋಡೆಯಲ್ಲಿ ಗೊಮ್ಮಟೇಶ್ವರನ ಚಿತ್ರಪಟ ತೂಗುತ್ತಿತ್ತು.

ಆ ಚಲನಚಿತ್ರದ ನಿರ್ದೇಶಕರಾದ ಎಸ್.ಎಸ್. ರಾಜಮೌಳಿಯವರು 1973ರಲ್ಲಿ ನಮ್ಮ ರಾಯಚೂರು ಜಿಲ್ಲೆಯ ಅಮರೇಶ್ವರ ಕ್ಯಾಂಪಿನಲ್ಲಿ ಜನಿಸಿದವರು. ಜಿಲ್ಲೆಯ ಮಗನೊಬ್ಬನು ಜಗತ್ತೇ ನೋಡುವ ಚಿತ್ರಗಳನ್ನು ಮಾಡಿದನೆಂಬುದು ಯಾರಿಗಾದರೂ ಅಭಿಮಾನದ ಸಂಗತಿಯೇ. ಅವರ ಪ್ರತಿಭೆಯ ವಿಷಯದಲ್ಲಿ ನನಗೆ ತಕರಾರಿಲ್ಲ. ಬಾಹುಬಲಿ ಎಂಬ ಹೆಸರು ನಮ್ಮ ಸ್ವತ್ತೆಂದು ವ್ಯಾಜ್ಯ ಹೂಡುವ ಬುದ್ಧಿಯೂ ನನ್ನದಲ್ಲ. 2015ರ ಮತ್ತು 2017ರ ಆ ಎರಡು ಚಿತ್ರಗಳಲ್ಲಿ ಅಣ್ಣತಮ್ಮಂದಿರ ನಡುವೆ ಸಿಂಹಾಸನಕ್ಕಾಗಿ ಕಲಹವಿದೆ; ಮಹಾಕಾಯದ ಪ್ರತಿಮೆಯೂ ಇದೆ. ಹೆಸರು ನಮಗೆ ಪರಿಚಿತ, ಕಲಹವೂ ಪರಿಚಿತ. ಆದರೆ ಆ ಕಲಹ ಮುಗಿಯುವ ರೀತಿ ಮಾತ್ರ ಆದಿಪುರಾಣದ್ದಲ್ಲ. ಅದರ ಮೂಲವನ್ನು ಹುಡುಕಹೊರಟರೆ ಅಮೆರಿಕದ ಒಣನೆಲದಲ್ಲಿ, ಕುದುರೆಯೇರಿದ ಬಂದೂಕುಧಾರಿಯ ಬಳಿ ಹೋಗಿ ನಿಲ್ಲಬೇಕಾಗುತ್ತದೆ.

'ವೆಸ್ಟರ್ನ್' ಎಂದು ಕರೆಯಲ್ಪಡುವ ಆ ಜಾತಿಯ ಚಿತ್ರಗಳಲ್ಲಿ 1953ರ 'ಶೇನ್' ಬಹು ಪ್ರಸಿದ್ಧವಾದುದು. ಬಡ ರೈತರ ಕಣಿವೆಯೊಂದಕ್ಕೆ ಅಪರಿಚಿತ ಸವಾರನೊಬ್ಬನು ಬರುತ್ತಾನೆ. ತನ್ನ ಬಂದೂಕನ್ನು ಬದಿಗಿಟ್ಟು ರೈತನ ಮನೆಯಲ್ಲಿ ಕೂಲಿಗೆ ನಿಲ್ಲುತ್ತಾನೆ. ಜಾನುವಾರುಗಳ ಧಣಿ ರೈತರನ್ನು ಓಡಿಸಹೊರಟಾಗ ಮತ್ತೆ ಬಂದೂಕನ್ನು ಕಟ್ಟಿಕೊಂಡು ಕೊಲ್ಲಬೇಕಾದವರನ್ನು ಕೊಲ್ಲುತ್ತಾನೆ. ಅನಂತರ ಕಣಿವೆಯನ್ನೇ ತೊರೆದು ಹೊರಟುಹೋಗುತ್ತಾನೆ. ರೈತನ ಪುಟ್ಟ ಮಗನು ಅವನ ಹೆಸರು ಹಿಡಿದು ಕೂಗುತ್ತ ಉಳಿಯುತ್ತಾನೆ. ಕೊಂದವನಿಗೆ ಕೊಲೆಯ ಕಲೆ ಅಂಟಿತೆಂದು ಚಿತ್ರ ಒಪ್ಪಿಕೊಳ್ಳುತ್ತದೆ. ಅಷ್ಟು ಪ್ರಾಮಾಣಿಕತೆ ಅದಕ್ಕಿದೆ. ಆದರೆ ಕಣಿವೆ ಮಾತ್ರ ಶುದ್ಧವಾಯಿತೆಂದೇ ಅದರ ನಂಬಿಕೆ. ಪಾಪವನ್ನು ಒಬ್ಬನು ಹೊತ್ತುಕೊಂಡು ಹೋದನು, ಫಲವನ್ನು ಉಳಿದವರು ಕೈತೊಳೆದುಕೊಂಡು ಉಣ್ಣಬಹುದು! ಕರ್ಮಸಿದ್ಧಾಂತವನ್ನು ಬಲ್ಲ ಯಾವ ಶ್ರಾವಕನು ಈ ಲೆಕ್ಕವನ್ನು ಒಪ್ಪಿಯಾನು? ಒಬ್ಬನ ಬಂಧವನ್ನು ಇನ್ನೊಬ್ಬನ ಖಾತೆಗೆ ಬರೆಯುವ ರೂಢಿ ನಮ್ಮ ಅಂಗಡಿಯ ವಹಿಗಳಲ್ಲಿ ಇದ್ದೀತೇನೋ, ಆಗಮಗಳಲ್ಲಿ ಇಲ್ಲ.

ಇದಕ್ಕಿಂತಲೂ ನಮಗೆ ನೇರವಾಗಿ ತಾಗುವ ಚಿತ್ರ 1952ರ 'ಹೈ ನೂನ್'. ಅದರ ನಾಯಕನ ಹೆಂಡತಿ ಕ್ವೇಕರ್ ಪಂಥದವಳು. ಕ್ವೇಕರರು ಶಸ್ತ್ರ ಹಿಡಿಯುವುದನ್ನು ನಿಷೇಧಿಸಿಕೊಂಡ ಕ್ರೈಸ್ತರು. ಪಾಶ್ಚಾತ್ಯ ಜಗತ್ತಿನಲ್ಲಿ ನಮ್ಮ ಅಹಿಂಸಾವ್ರತಕ್ಕೆ ತೀರ ಸಮೀಪದಲ್ಲಿರುವ ಜನ. ಆಕೆ ತನ್ನ ತಂದೆಯನ್ನೂ ಸೋದರನನ್ನೂ ಗುಂಡಿಗೆ ಬಲಿಕೊಟ್ಟು, ಆ ದುಃಖದಿಂದಲೇ ಆ ಪಂಥಕ್ಕೆ ಬಂದವಳು. ಮದುವೆಯ ದಿನವೇ ಗಂಡನನ್ನು ಕೊಲ್ಲಲು ನಾಲ್ವರು ಬರುತ್ತಾರೆ. ಕೊನೆಗೆ ಏನಾಗುತ್ತದೆ? ಆಕೆ ಬಂದೂಕನ್ನು ಕೈಗೆತ್ತಿಕೊಂಡು ಅವರಲ್ಲೊಬ್ಬನನ್ನು ಹಿಂದಿನಿಂದ ಸುಡುತ್ತಾಳೆ. ಸುಟ್ಟ ಆ ಘಳಿಗೆಯಲ್ಲೇ ಪ್ರೇಕ್ಷಕನು ನಿಟ್ಟುಸಿರು ಬಿಡುತ್ತಾನೆ: ಅಬ್ಬಾ, ಇವಳು ಕಡೆಗೂ ನಿಜವಾದ ಹೆಂಡತಿಯಾದಳು! ವ್ರತವನ್ನು ಹಿಡಿದಿದ್ದಾಗ ಅವಳು ಅರ್ಧ ಹೆಂಗಸು, ಮುರಿದ ಮೇಲೆ ಪೂರ್ಣ ಹೆಂಗಸು. ನೂರು ಹೆಣಗಳನ್ನು ಕೆಡಹುವ ಚಿತ್ರಕ್ಕಿಂತ ಈ ಒಂದು ಹೆಣ ಹೆಚ್ಚು ಅಪಾಯಕಾರಿ ಎಂಬುದು ನನ್ನ ಅಭಿಪ್ರಾಯ. ನೂರು ಹೆಣಗಳು ಕಣ್ಣಿಗೆ ಹಿಂಸೆ ಕೊಟ್ಟಾವು. ಈ ಒಂದು ಹೆಣವಾದರೋ ಅಹಿಂಸೆಯೆಂಬುದು ಸುಖಕಾಲದ ಅಲಂಕಾರವೆಂದು ಕಿವಿಯಲ್ಲಿ ಉಪದೇಶಿಸುತ್ತದೆ.

ಇಷ್ಟಾಗಿ, ಇದು ಅಲ್ಲಿಯ ಚರಿತ್ರೆಯೂ ಅಲ್ಲ. ಅರಿಜೋನಾದ ಟೂಂಬ್‌ಸ್ಟೋನ್ ಪಟ್ಟಣದಲ್ಲಿ 1881ರ ಅಕ್ಟೋಬರ್ 26ರಂದು ನಡೆದ ಗುಂಡಿನ ಕಾಳಗವನ್ನು ಎಷ್ಟು ಚಿತ್ರಗಳು ಎಷ್ಟು ವಿಧವಾಗಿ ವೈಭವೀಕರಿಸಿಲ್ಲ! ನಡೆದದ್ದು ಸುಮಾರು ಅರ್ಧ ನಿಮಿಷ, ಸತ್ತವರು ಮೂವರು. ಅದಕ್ಕೆ ಒಂದು ಕಾರಣ ಪಟ್ಟಣದೊಳಗೆ ಆಯುಧ ಧರಿಸಬಾರದೆಂಬ ಸ್ಥಳೀಯ ಕಾನೂನು. ಬಂದೂಕಿನ ಪುರಾಣಕ್ಕೆ ತವರಾದ ಊರಿನಲ್ಲಿ ಬಂದೂಕಿಗೇ ನಿಷೇಧವಿತ್ತು. ನಿಜವಾದ ಸಂಹಾರ ನಡೆದದ್ದು ಬೇರೆಡೆ. 1890ರ ಡಿಸೆಂಬರ್ 29ರಂದು ವೂಂಡೆಡ್ ನೀ ಎಂಬಲ್ಲಿ ಸೈನಿಕರು ಲಕೋಟಾ ಜನರನ್ನು ಹೆಂಗಸರು ಮಕ್ಕಳೆನ್ನದೆ ಕೊಂದರು. ಆ ಶತಮಾನದ ಆರಂಭದಲ್ಲಿ ಕೋಟಿಗಳ ಲೆಕ್ಕದಲ್ಲಿದ್ದ ಕಾಡೆಮ್ಮೆಗಳು ಅದೇ ಶತಮಾನದ ಕೊನೆಯ ಹೊತ್ತಿಗೆ ಸಾವಿರದ ಆಸುಪಾಸಿಗೆ ಇಳಿದವು; ಚರ್ಮಕ್ಕಾಗಿ ಕೊಂದು ಮಾಂಸವನ್ನು ಬಯಲಿನಲ್ಲೇ ಕೊಳೆಯಲು ಬಿಟ್ಟದ್ದೂ ಉಂಟು. ಈ ಪಂಚೇಂದ್ರಿಯ ಜೀವಿಗಳ ಕಗ್ಗೊಲೆಯ ಮೇಲೆ ಪರದೆ ಎಳೆಯುವುದಕ್ಕೆ ಅರ್ಧ ನಿಮಿಷದ ಕಾಳಗ ಬೇಕಾಯಿತು.

ಆ ಪುರಾಣ ನಮ್ಮಲ್ಲಿಗೆ ಬಂದ ಬಗೆಯೂ ಗುಟ್ಟಿನದಲ್ಲ. ಗಡಿನಾಡಿನವರಾದ ನಮಗೆ ತೆಲುಗು ಚಿತ್ರಗಳು ಕನ್ನಡದವುಗಳಷ್ಟೇ ಬಳಕೆ. 1971ರ 'ಮೋಸಗಾಳ್ಳಕು ಮೋಸಗಾಡು' ಎಂಬ ತೆಲುಗು ಚಿತ್ರ ಆ ಟೋಪಿ, ಆ ಕುದುರೆ, ಆ ಪಿಸ್ತೂಲನ್ನು ಇದ್ದಂತೆಯೇ ಎತ್ತಿ ತಂದಿತು. 1975ರ 'ಶೋಲೆ'ಗೆ ನಮ್ಮ ರಾಮನಗರದ ಬಂಡೆಗಳೇ ರಂಗಸ್ಥಳವಾದವು. ಠಾಕೂರನ ಮನೆಯವರನ್ನೆಲ್ಲ ಕೊಲ್ಲುವ ಅದರ ದೃಶ್ಯ 1968ರ ಇಟಲಿಯ ವೆಸ್ಟರ್ನ್ ಚಿತ್ರವೊಂದರ ಋಣ. ಮೂಲದಲ್ಲಿ ಠಾಕೂರನು ಮೊಳೆ ಹೊಡೆದ ಪಾದರಕ್ಷೆಯಿಂದ ಗಬ್ಬರನನ್ನು ತುಳಿದು ಕೊಲ್ಲುವಂತೆ ಚಿತ್ರೀಕರಿಸಲಾಗಿತ್ತು. ತುರ್ತುಪರಿಸ್ಥಿತಿಯ ಕಾಲದ ಸೆನ್ಸಾರ್ ಮಂಡಳಿ ಅದನ್ನು ಒಪ್ಪಲಿಲ್ಲ. ಪೊಲೀಸರು ಬಂದು ಹಿಡಿದೊಯ್ಯುವಂತೆ ತಿದ್ದಲಾಯಿತು. ಐವತ್ತು ವರ್ಷಗಳ ಬಳಿಕ, 2025ರಲ್ಲಿ, ಮೂಲ ಅಂತ್ಯವನ್ನೊಳಗೊಂಡ ಪ್ರತಿಯನ್ನು ಇಟಲಿಯ ಬೊಲೋನಾದಲ್ಲಿ ಪ್ರದರ್ಶಿಸಿದರು. ಕತ್ತರಿಯನ್ನು ನಂಬುವ ನಮ್ಮ ಹಿರಿಯರು ಇದನ್ನು ಗಮನಿಸಬೇಕು. ಮೂರು ಗಂಟೆಗಳ ಕಾಲ ಕೊಲ್ಲು ಕೊಲ್ಲು ಎಂದು ಮನಸ್ಸನ್ನು ಕುದಿಸಿ, ಕೊನೆಯ ಮೂರು ನಿಮಿಷದಲ್ಲಿ ಪೊಲೀಸರನ್ನು ಕರೆತಂದರೆ ಕುದಿತ ಆರುವುದೆ?

ಕನ್ನಡ ಚಿತ್ರರಂಗವೂ ಹಿಂದುಳಿದಿಲ್ಲ. 2022ರ 'ಕೆಜಿಎಫ್' ಎರಡನೆಯ ಭಾಗದಲ್ಲಿ ಪೊಲೀಸ್ ಠಾಣೆಯನ್ನು ಧೂಳೀಪಟ ಮಾಡುವ ಯಂತ್ರದ ಬಂದೂಕಿಗೆ ಇಟ್ಟ ಹೆಸರು 'ದೊಡ್ಡಮ್ಮ'. ತಾಯಿಯ ಅಕ್ಕನನ್ನು ಕರೆಯುವ ಶಬ್ದ!

ದೇವದುರ್ಗದಲ್ಲಿ ಹಿರಿಯ ವ್ಯಾಪಾರಿಯೊಬ್ಬರ ಮುಂದೆ ಈ ಮಾತುಗಳನ್ನೆಲ್ಲ ಹೇಳಿದಾಗ ಅವರು ಗಟ್ಟಿಯಾಗಿ ನಕ್ಕುಬಿಟ್ಟರು. "ಏನ್ರೀ ಮಾಸ್ತರ, ಅದು ಬರೇ ಸಿನಿಮಾ. ಅಲ್ಲಿ ಸತ್ತಾವ ಸಂಜಿಗಿ ಎದ್ದು ಮನಿಗಿ ಹೋಗ್ತಾನ. ನೋಡಿದವ್ರಿಗೆ ಯಾವ ಪಾಪ ಹತ್ತತದ?" ಎಂದರು.

ಸತ್ತ ನಟನು ಎದ್ದು ಮನೆಗೆ ಹೋಗುತ್ತಾನೆ, ನಿಜ. ಕುದುರೆಗಳು ಹೋಗಲಿಲ್ಲ. ಓಡುವ ಕುದುರೆಯ ಕಾಲಿಗೆ ತಂತಿ ಕಟ್ಟಿ ಮುಗ್ಗರಿಸಿ ಬೀಳಿಸುವುದು ಹಾಲಿವುಡ್‌ನಲ್ಲಿ ಒಂದು ಕಾಲಕ್ಕೆ ಮಾಮೂಲು ತಂತ್ರವಾಗಿತ್ತು. 1939ರ 'ಜೆಸ್ಸಿ ಜೇಮ್ಸ್' ಚಿತ್ರಕ್ಕಾಗಿ ಕುದುರೆಯನ್ನು ಎತ್ತರದ ಬಂಡೆಯಿಂದ ನೀರಿಗೆ ಕೆಡವಿ ಅದು ಸತ್ತ ಮೇಲೆಯೇ ಅಲ್ಲಿ ಪ್ರಾಣಿಗಳ ಮೇಲ್ವಿಚಾರಣೆಯ ವ್ಯವಸ್ಥೆ ಹುಟ್ಟಿದ್ದು. ಇಂದು ನಮ್ಮ ಚಿತ್ರಗಳ ಮೊದಲಿಗೆ ಯಾವ ಪ್ರಾಣಿಗೂ ಹಿಂಸೆಯಾಗಿಲ್ಲವೆಂಬ ಒಕ್ಕಣೆ ಬರುತ್ತದೆ, ಸಂತೋಷ. ಆದರೆ ನೋಡುತ್ತ ಕುಳಿತ ಮನಸ್ಸಿಗೆ ಏನಾಯಿತೆಂಬುದರ ಒಕ್ಕಣೆಯನ್ನು ಯಾರು ಬರೆಯಬೇಕು?

ನೋಡಿದವರಿಗೆ ಯಾವ ಪಾಪ ಎಂಬ ಪ್ರಶ್ನೆಗೆ ನಮ್ಮ ಶ್ರಾವಕಾಚಾರದಲ್ಲಿ ಉತ್ತರ ಸಿದ್ಧವಾಗಿಯೇ ಇದೆ. ಮಾಡುವುದು, ಮಾಡಿಸುವುದು, ಮಾಡಿದ್ದನ್ನು ಮೆಚ್ಚುವುದು, ಅಂದರೆ ಕೃತ, ಕಾರಿತ, ಅನುಮೋದನ, ಈ ಮೂರೂ ಆಸ್ರವದ್ವಾರಗಳೇ. ಚಪ್ಪಾಳೆ ಅನುಮೋದನವಲ್ಲದೆ ಮತ್ತೇನು? ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಅನರ್ಥದಂಡಗಳನ್ನು ಐದೆಂದು ಎಣಿಸಿದ್ದಾರೆ. ಅವುಗಳಲ್ಲಿ ಒಂದು ಅಪಧ್ಯಾನ, ದ್ವೇಷದಿಂದ ಇನ್ನೊಬ್ಬನಿಗೆ ವಧೆ ಬಂಧನಗಳಾಗಲೆಂದು ಮನಸ್ಸಿನಲ್ಲಿ ಬಯಸುವುದು. ಇನ್ನೊಂದು ದುಃಶ್ರುತಿ, ಚಿತ್ತವನ್ನು ಕಲಕುವ ಕಥೆಗಳಿಗೆ ಕಿವಿಗೊಡುವುದು. ಖಳನಾಯಕನು ಯಾವಾಗ ಸತ್ತಾನೋ ಎಂದು ಕುರ್ಚಿಯ ಅಂಚಿಗೆ ಬಂದು ಕುಳಿತವನು ಇವೆರಡನ್ನೂ ಒಂದೇ ಟಿಕೇಟಿನಲ್ಲಿ ಸಂಪಾದಿಸುತ್ತಾನೆ. ಸಿನಿಮಾ ಎಂಬ ಶಬ್ದವೇ ಇಲ್ಲದ ಕಾಲದಲ್ಲಿ ಆಚಾರ್ಯರು ಅದರ ರೋಗನಿದಾನವನ್ನು ಮಾಡಿಟ್ಟಿದ್ದರು.

ಮಾನ್ವಿಯ ಸದ್ಗೃಹಸ್ಥರೊಬ್ಬರ ಮನೆಯಲ್ಲಿ ನಾನು ಅತಿಥಿಯಾಗಿದ್ದೆ. ಗಡ್ಡೆಗೆಣಸು ಒಳಗೆ ಬರದ, ಸೋಸದ ನೀರು ಮುಟ್ಟದ ಮನೆ. ಸೂರ್ಯಾಸ್ತಕ್ಕೆ ಮೊದಲೇ ಊಟ ಮುಗಿಯಿತು, ಪಾತ್ರೆಗಳನ್ನು ತೊಳೆದಿಟ್ಟರು. ಆಮೇಲೆ ಅಜ್ಜನಿಂದ ಮೊಮ್ಮಗಳವರೆಗೆ ಎಲ್ಲರೂ ದೂರದರ್ಶನದ ಮುಂದೆ ಕುಳಿತು ರಾತ್ರಿ ಹತ್ತೂವರೆಯವರೆಗೆ ಹೆಣಗಳನ್ನು ಎಣಿಸಿದರು. ರಾತ್ರಿಭೋಜನ ತ್ಯಾಗ ಬಾಯಿಗೆ ಮಾತ್ರವೆ, ಕಣ್ಣಿಗಿಲ್ಲವೆ? ಅವರನ್ನು ಹಳಿಯಲಾರೆ, ನಾನೂ ಅಲ್ಲೇ ಕುಳಿತಿದ್ದೆ, ಎದ್ದುಹೋಗಲಿಲ್ಲ.

ಇಲ್ಲಿ ಒಂದು ಪ್ರಬಲವಾದ ಆಕ್ಷೇಪಣೆಯುಂಟು. ಜೈನರಲ್ಲಿ ಅರಸರಿರಲಿಲ್ಲವೆ, ದಂಡನಾಯಕರಿರಲಿಲ್ಲವೆ? ಗೃಹಸ್ಥನಿಗೆ ವಿರೋಧೀ ಹಿಂಸೆಯನ್ನು ಪೂರ್ಣವಾಗಿ ನಿಷೇಧಿಸಿಲ್ಲವಲ್ಲ? ಸರಿಯಾದ ಮಾತು. ಮನೆಗೆ ನುಗ್ಗಿದವನನ್ನು ತಡೆಯುವ ಹೊಣೆ ಗೃಹಸ್ಥನಿಗಿದೆ. ಕೊಲ್ಲಲೆಂದೇ ಕೊಲ್ಲುವ ಸಂಕಲ್ಪೀ ಹಿಂಸೆಯನ್ನು ಮಾತ್ರ ಅವನು ಸಂಪೂರ್ಣ ತ್ಯಜಿಸಬೇಕು. ವೆಸ್ಟರ್ನ್ ಚಿತ್ರದ ಕುಶಲತೆ ಇರುವುದು ಇಲ್ಲಿಯೇ. ಅದು ಮೊದಲು ಖಳನಿಂದ ಅನ್ಯಾಯ ಮಾಡಿಸಿ ವಿರೋಧೀ ಹಿಂಸೆಯ ಅಂಗಿಯನ್ನು ಹೊಲಿಯುತ್ತದೆ. ಬಳಿಕ ಆ ಅಂಗಿಯನ್ನು ಸಂಕಲ್ಪೀ ಹಿಂಸೆಗೆ ತೊಡಿಸುತ್ತದೆ. ತಡೆಯುವುದಷ್ಟೇ ಸಾಕಾಗಿದ್ದರೆ ಚಿತ್ರ ಅರ್ಧದಲ್ಲೇ ಮುಗಿಯಬೇಕಿತ್ತು.

ದಂಡನಾಯಕರ ಮಾತು ಬಂದುದರಿಂದ ಹೇಳುತ್ತೇನೆ. ಗಂಗರ ಸೇನಾನಿಯಾದ ಚಾವುಂಡರಾಯನು ಯುದ್ಧಗಳನ್ನು ಕಂಡವನಲ್ಲ, ಮಾಡಿದವನು; ರಣರಂಗದಲ್ಲಿ ಬಿರುದುಗಳನ್ನು ಗಳಿಸಿದವನು. 981ರ ಸುಮಾರಿಗೆ ಅವನು ಶ್ರವಣಬೆಳಗೊಳದ ಬೆಟ್ಟದ ಮೇಲೆ ನಿಲ್ಲಿಸಿದ್ದು ಯಾರನ್ನು? ಚಕ್ರರತ್ನದ ಒಡೆಯನಾದ ಭರತನನ್ನಲ್ಲ, ಕತ್ತಿ ಹಿಡಿದ ತನ್ನನ್ನಲ್ಲ, ಗೆದ್ದು ಬಿಟ್ಟವನನ್ನು. ಅದಕ್ಕೆ ನಾಲ್ಕು ದಶಕಗಳ ಹಿಂದೆ, 941ರಲ್ಲಿ, ಇನ್ನೊಬ್ಬ ಯೋಧನಾದ ಪಂಪನು ಆದಿಪುರಾಣದಲ್ಲಿ ಅದೇ ಕಥೆಯನ್ನು ಹೇಳಿದ್ದ. ಎರಡು ಸೇನೆಗಳು ಎದುರುಬದುರು ನಿಂತಾಗ, ಇಷ್ಟು ಜೀವಗಳು ಸಾಯುವುದೇಕೆ, ನೀವಿಬ್ಬರೇ ಹೋರಾಡಿರೆಂದು ಮಂತ್ರಿಗಳು ಬೇಡಿಕೊಳ್ಳುತ್ತಾರೆ. ದೃಷ್ಟಿ, ಜಲ, ಮಲ್ಲ ಮೂರು ಯುದ್ಧಗಳಲ್ಲಿಯೂ ಬಾಹುಬಲಿ ಗೆಲ್ಲುತ್ತಾನೆ. ಅಣ್ಣನನ್ನು ಮೇಲೆತ್ತಿ ಹಿಡಿದವನು ನೆಲಕ್ಕೆ ಅಪ್ಪಳಿಸದೆ ಇಳಿಸುತ್ತಾನೆ. ಸೋತ ಭರತನ ಚಕ್ರ ಅವನನ್ನು ಸುತ್ತಿ ನಿಂತುಬಿಡುತ್ತದೆ. ಕೊಲ್ಲಲು ಇದಕ್ಕಿಂತ ನ್ಯಾಯವಾದ ಕಾರಣ ಯಾವ ವೆಸ್ಟರ್ನ್ ನಾಯಕನಿಗೂ ದೊರೆತಿಲ್ಲ. ಆ ಘಳಿಗೆಯಲ್ಲಿ ಅವನಿಗೆ ಅಣ್ಣನ ಮೇಲಲ್ಲ, ಅಣ್ಣನಿಂದ ಇಂಥ ಕೆಲಸ ಮಾಡಿಸಿದ ರಾಜ್ಯದ ಮೇಲೆ ಹೇಸಿಗೆ ಹುಟ್ಟುತ್ತದೆ.

ಶೇನನೂ ಹೊರಟುಹೋದ, ಬಾಹುಬಲಿಯೂ ಹೊರಟುಹೋದ. ಒಬ್ಬನು ಕೊಂದ ಮೇಲೆ, ಇನ್ನೊಬ್ಬನು ಕೊಲ್ಲುವುದಕ್ಕೆ ಬದಲಾಗಿ. ಅಲ್ಲಿಗೂ ನಮ್ಮ ಕಥೆ ನಾಯಕನಿಗೆ ಸುಲಭದ ಶುದ್ಧಿಯನ್ನು ಕೊಡುವುದಿಲ್ಲ. ಬಳ್ಳಿಗಳು ಮೈಯನ್ನೇರುವಂತೆ ವರ್ಷಕಾಲ ನಿಂತರೂ ಭರತನ ನೆಲದ ಮೇಲೆ ನಿಂತಿರುವೆನೆಂಬ ಶಲ್ಯ ಅವನನ್ನು ಬಿಡಲಿಲ್ಲ. ಭರತನೇ ಬಂದು ನಮಸ್ಕರಿಸಿದ ಮೇಲೆ ಕೇವಲಜ್ಞಾನವಾಯಿತು. ಕೊಲ್ಲದವನಿಗೇ ಇಷ್ಟು ಕಠಿಣವಾದ ಲೆಕ್ಕ!

ಇಷ್ಟು ದೊಡ್ಡ ಕಥೆ ಕೈಯಲ್ಲಿದ್ದೂ ನಮ್ಮ ಮಕ್ಕಳ ಬಾಯಲ್ಲಿ ಬೇರೆ ಕಥೆ ಕುಳಿತಿದ್ದರೆ ತಪ್ಪು ರಾಜಮೌಳಿಯವರದಲ್ಲ. ಬಸದಿಗಳ ಟ್ರಸ್ಟಿಗಳು ನನ್ನನ್ನು ಕ್ಷಮಿಸಬೇಕು. ಅಮೃತಶಿಲೆಗೆ, ಶಿಖರಕ್ಕೆ, ಫಲಕದ ಮೇಲಿನ ಹೆಸರುಗಳಿಗೆ ದೊರೆಯುವ ಹಣ ಪಾಠಶಾಲೆಗೆ ದೊರೆಯುತ್ತಿಲ್ಲ. ಪರ್ವದ ಸಂಜೆ ಮಕ್ಕಳನ್ನು ಸುಮ್ಮನಿರಿಸಲು ಸಭಾಭವನದ ತೆರೆಯ ಮೇಲೆ ಹೊಡೆದಾಟದ ಚಿತ್ರ ಹಾಕಿದ್ದನ್ನು ನಾನೇ ಕಂಡಿದ್ದೇನೆ. ಎಲ್ಲಿ ಎಂದು ಹೇಳುವುದಿಲ್ಲ. ಚಿತ್ರಗಳನ್ನು ನಿಷೇಧಿಸಿರೆಂದು ನಾನು ಬೇಡುತ್ತಿಲ್ಲ, ಅದು ಆಗದ ಮಾತು. ಬರುವ ದಶಲಕ್ಷಣ ಪರ್ವದಲ್ಲಿ ಉತ್ತಮ ಕ್ಷಮೆಯ ದಿನ, ರಾಯಚೂರಿನಲ್ಲಾಗಲಿ ದೇವದುರ್ಗ ಮಾನ್ವಿಗಳಲ್ಲಾಗಲಿ, ಆದಿಪುರಾಣದ ಆ ಭಾಗವನ್ನು ಗಮಕಿಗಳಿಂದ ವಾಚಿಸಿ ವ್ಯಾಖ್ಯಾನ ಮಾಡಿಸಿರಿ. ಮಕ್ಕಳನ್ನು ಒಂದು ವಾಹನದಲ್ಲಿ ಮಸ್ಕಿಗೆ ಕರೆದೊಯ್ಯಿರಿ. ಕಳಿಂಗದಲ್ಲಿ ಗೆದ್ದೂ ಪಶ್ಚಾತ್ತಾಪಪಟ್ಟ ಅರಸನ 'ಅಶೋಕ' ಎಂಬ ಹೆಸರನ್ನು ಹೊತ್ತ ಶಾಸನ ನಮ್ಮ ಜಿಲ್ಲೆಯಲ್ಲೇ ಇದೆ. 1915ರಲ್ಲಿ ಅದನ್ನು ಕಂಡುಹಿಡಿದವನು ಬೀಡನ್ ಎಂಬ ಚಿನ್ನದ ಗಣಿಯ ಎಂಜಿನಿಯರು.

ಆ ಭಾನುವಾರ ಪಾಠಶಾಲೆಯಲ್ಲಿ ನಾನು ಕಥೆಯನ್ನು ಪೂರ್ತಿ ಹೇಳಿದೆ. ಶಿವಲಿಂಗದ ಮಾತು ಹೇಳಿದ ಬಾಲಕನು ಕೊನೆಗೆ ಕೈಯೆತ್ತಿ, "ಸರ, ಗೆದ್ದಿದ್ದನಲ್ಲ, ಮತ್ತ್ಯಾಕ ಬಿಟ್ಟ?" ಎಂದು ಕೇಳಿದ. ಅದಕ್ಕೆ ಉತ್ತರ ಹೇಳುವುದರಲ್ಲಿ ಮುಂದಿನ ಮೂರು ಭಾನುವಾರಗಳು ಕಳೆದವು, ಇನ್ನೂ ಮುಗಿದಿಲ್ಲ.