ಸಂಘವಿಲ್ಲದ ಕಾರ್ಮಿಕರು

೨೦೨೫ನೆಯ ಇಸವಿ ನವಂಬರು ೨೧ನೆಯ ತಾರೀಖಿನಿಂದ ಕೇಂದ್ರ ಸರಕಾರದವರು ನಾಲ್ಕು ಕಾರ್ಮಿಕ ಸಂಹಿತೆಗಳನ್ನು ಜಾರಿಗೆ ತಂದರು. ಇಪ್ಪತ್ತೊಂಬತ್ತು ಹಳೆಯ ಕಾಯಿದೆಗಳು ಈ ನಾಲ್ಕರಲ್ಲಿ ಲೀನವಾದವು. ೧೯೨೬ರ ಕಾರ್ಮಿಕ ಸಂಘಗಳ ಕಾಯಿದೆಯೂ ೧೯೪೭ರ ಕೈಗಾರಿಕಾ ವಿವಾದಗಳ ಕಾಯಿದೆಯೂ ಅವುಗಳಲ್ಲಿ ಸೇರಿರುತ್ತವೆ. ಸರಕಾರದ ಪಕ್ಷದವರು ಇದನ್ನು ಹೊಸ ಯುಗವೆಂದು ಕೊಂಡಾಡಿದರು. ಸಂಘಗಳ ಧುರೀಣರಲ್ಲಿ ಬಹುಮಂದಿ ಇದನ್ನು ಕಾರ್ಮಿಕರ ಕೊರಳಿಗೆ ಬಿದ್ದ ಉರುಲೆಂದು ಹಳಿದರು. ಈ ಎರಡು ಘೋಷಗಳ ನಡುವೆ ಮುಖ್ಯವಾದೊಂದು ಪ್ರಶ್ನೆಯು ಅಡಗಿಹೋಯಿತೆಂದು ನಮಗೆ ತೋರುತ್ತದೆ. ನಮ್ಮ ದುಡಿಯುವ ಜನರಲ್ಲಿ ಸಂಘವೆಂಬುದು ಇರುವುದಾದರೂ ಯಾರಿಗೆ? ಇಲ್ಲದವರ ಮಾತನ್ನು ಆಡುವವರು ಯಾರು?

ಸಂಘಗಳು ಹುಟ್ಟಿದ ಬಗೆಯನ್ನು ಮೊದಲು ನೆನೆಯಬೇಕು. ೧೯೧೮ನೆಯ ಇಸವಿ ಏಪ್ರಿಲ್ ೨೭ರಂದು ಮದರಾಸಿನಲ್ಲಿ ಬಿ. ಪಿ. ವಾಡಿಯಾ ಅವರ ಮುಂದಾಳುತನದಲ್ಲಿ ಮದರಾಸು ಕಾರ್ಮಿಕ ಸಂಘವು ಏರ್ಪಟ್ಟಿತು. ಬಕಿಂಗ್‌ಹ್ಯಾಂ ಮತ್ತು ಕರ್ನಾಟಿಕ್ ಗಿರಣಿಗಳ ಕೂಲಿಕಾರರೇ ಅದರ ಬಲ. ಗಿರಣಿಯನ್ನು ನಡೆಸುತ್ತಿದ್ದ ಬಿನ್ನಿ ಕಂಪೆನಿಯವರು ಹೈಕೋರ್ಟನ್ನು ಹೊಕ್ಕು ವಾಡಿಯಾ ಅವರ ಮೇಲೆ ತಡೆಯಾಜ್ಞೆಯನ್ನು ಪಡೆದರು. ಹಸಿದವರು ಒಗ್ಗಟ್ಟಾಗುವುದೇ ಕಾನೂನಿನ ಕಣ್ಣಿಗೆ ತಪ್ಪಾಗಬಹುದೆಂಬುದು ಆಗ ದೇಶಕ್ಕೆ ಅರಿವಾಯಿತು. ಲಾಲಾ ಲಜಪತರಾಯರು ೧೯೨೦ರಲ್ಲಿ ಮುಂಬಯಿಯಲ್ಲಿ ಅಖಿಲ ಭಾರತ ಟ್ರೇಡ್ ಯೂನಿಯನ್ ಕಾಂಗ್ರೆಸ್ಸಿನ ಮೊದಲ ಅಧಿವೇಶನದ ಅಧ್ಯಕ್ಷರಾದರು, ಎನ್. ಎಂ. ಜೋಶಿಯವರು ಮರುವರ್ಷ ಶಾಸನಸಭೆಯಲ್ಲಿ ಸಂಘಗಳಿಗೆ ರಕ್ಷಣೆ ಬೇಕೆಂದು ನಿರ್ಣಯವನ್ನು ತಂದರು. ೧೯೨೬ರ ಕಾಯಿದೆಯು ಇವೆಲ್ಲದರ ಫಲ. ಸಂಘ ಕಟ್ಟುವ ಹಕ್ಕು ಯಾರೂ ದಾನವಾಗಿ ಕೊಟ್ಟದ್ದಲ್ಲವೆಂಬುದನ್ನು ವಾಚಕರು ಮರೆಯಬಾರದು.

ಆ ಸಂಘಗಳ ಶಕ್ತಿಯ ಗುಟ್ಟು ಗಿರಣಿಯ ಹೆಬ್ಬಾಗಿಲಿನಲ್ಲಿತ್ತು. ಸಾವಿರಾರು ಜನ ಒಂದೇ ಕೂಗಿಗೆ ಒಳಹೋಗಿ ಒಂದೇ ಕೂಗಿಗೆ ಹೊರಬರುತ್ತಿದ್ದರು. ಸಂಬಳ ಕೊಡುವ ಒಡೆಯನು ಒಬ್ಬನೇ. ಆದಕಾರಣ ದೂರೂ ಒಂದೇ, ಬೇಡಿಕೆಯೂ ಒಂದೇ. ನಮ್ಮ ಬೆಂಗಳೂರಿನಲ್ಲಿ ಈ ಶಕ್ತಿಯ ತುತ್ತತುದಿಯು ೧೯೮೦ನೆಯ ಡಿಸೆಂಬರು ೨೬ರಂದು ಕಾಣಿಸಿತು. ಎಚ್.ಎ.ಎಲ್., ಬಿ.ಇ.ಎಲ್., ಐ.ಟಿ.ಐ., ಎಚ್.ಎಂ.ಟಿ., ಬಿ.ಇ.ಎಂ.ಎಲ್. ಕಾರ್ಖಾನೆಗಳ ಸುಮಾರು ಒಂದೂಕಾಲು ಲಕ್ಷ ಜನ ಸಂಬಳದ ಸಮಾನತೆಗಾಗಿ ೭೭ ದಿವಸ ಕೆಲಸ ನಿಲ್ಲಿಸಿದರು. ಕೋರಿದ್ದು ಕೈಗೂಡದೆಯೇ ಮಾರ್ಚಿಯಲ್ಲಿ ಮರಳಿ ಒಳಹೊಕ್ಕರು. ಮುಂಬಯಿಯಲ್ಲಿ ದತ್ತಾ ಸಾಮಂತರ ಮುಂದಾಳುತನದಲ್ಲಿ ೧೯೮೨ರ ಜನವರಿ ೧೮ರಂದು ಆರಂಭವಾದ ಬಟ್ಟೆ ಗಿರಣಿಗಳ ಮುಷ್ಕರವಾದರೋ ವಿಧಿವತ್ತಾಗಿ ಮುಗಿಯಲೇ ಇಲ್ಲ. ಸುಮಾರು ಎರಡೂವರೆ ಲಕ್ಷ ಕೂಲಿಕಾರರಲ್ಲಿ ಎಷ್ಟೋ ಮಂದಿಗೆ ಹಿಂದಿರುಗಲು ಗಿರಣಿಯೇ ಉಳಿಯಲಿಲ್ಲ. ಆ ನೆಲದ ಮೇಲೆ ಈಗ ಗಗನಚುಂಬಿ ಸೌಧಗಳು ನಿಂತಿವೆ.

ಅಲ್ಲಿಂದೀಚೆಗೆ ಹೆಬ್ಬಾಗಿಲು ಒಡೆದು ನೂರು ಕಿಂಡಿಗಳಾಯಿತು. ಒಂದೇ ಯಂತ್ರದ ಎರಡು ಮಗ್ಗುಲಲ್ಲಿ ನಿಂತ ಇಬ್ಬರಲ್ಲಿ ಒಬ್ಬನು ಕಂಪೆನಿಯ ನೌಕರ, ಇನ್ನೊಬ್ಬನು ಗುತ್ತಿಗೆದಾರನ ಆಳು. ಕೆಲಸ ಒಂದೇ, ಸಂಬಳ ಬೇರೆ. ಸಂಘವಿದ್ದರೆ ಅದು ಮೊದಲನೆಯವನಿಗೆ ಮಾತ್ರ. ೨೦೨೦ರ ಡಿಸೆಂಬರಿನಲ್ಲಿ ಕೋಲಾರ ಜಿಲ್ಲೆಯ ನರಸಾಪುರದ ಮೊಬೈಲ್ ಕಾರ್ಖಾನೆಯೊಂದರಲ್ಲಿ ಸಂಬಳದ ಅಸಮಾಧಾನವು ಕಲ್ಲು ಬೆಂಕಿಗಳಾಗಿ ಸಿಡಿದಾಗ, ದುಡಿಯುತ್ತಿದ್ದವರಲ್ಲಿ ಬಹುಪಾಲು ಗುತ್ತಿಗೆಯ ಜನರೇ ಆಗಿದ್ದರು.

ಇದಕ್ಕಿಂತಲೂ ಹೆಚ್ಚಾಗಿ ನಮ್ಮನ್ನು ಚಿಂತೆಗೆ ಹಚ್ಚಿದ ಘಟನೆ ೨೦೧೬ನೆಯ ಏಪ್ರಿಲ್ ೧೮ ಮತ್ತು ೧೯ರದು. ಭವಿಷ್ಯನಿಧಿಯಲ್ಲಿ ಮಾಲಿಕರು ಕಟ್ಟಿದ ಪಾಲನ್ನು ೫೮ನೆಯ ವಯಸ್ಸಿನವರೆಗೆ ಹಿಂದಕ್ಕೆ ಪಡೆಯಕೂಡದೆಂದು ಆ ವರ್ಷ ಫೆಬ್ರುವರಿಯಲ್ಲಿ ಕೇಂದ್ರ ಸರಕಾರದ ಅಪ್ಪಣೆಯಾಗಿತ್ತು. ದಿಲ್ಲಿಯ ಕಚೇರಿಯಲ್ಲಿ ಕುಳಿತು ನೋಡಿದವರಿಗೆ ಇದು ಮುಪ್ಪಿನ ಕಾಲದ ಹಿತಚಿಂತನೆಯಾಗಿ ಕಂಡಿರಬೇಕು. ಆದರೆ ಬೆಂಗಳೂರಿನ ಸಿದ್ಧ ಉಡುಪಿನ ಕಾರ್ಖಾನೆಯ ಹೆಣ್ಣುಮಗಳಿಗೆ ೫೮ನೆಯ ವಯಸ್ಸೆಂಬುದು ಕಾಣದ ದೂರದ ಮಾತು. ದಿನವಿಡೀ ಹೊಲಿಗೆಯ ಯಂತ್ರದ ಮುಂದೆ ಬಾಗಿ, ಕೆಲವೇ ವರ್ಷಗಳಲ್ಲಿ ಬೆನ್ನು ಸೋತು ಕೆಲಸ ಬಿಡುವವಳಿಗೆ ಆ ನಿಧಿಯೇ ಮಗಳ ಮದುವೆ, ಮಗನ ಶಾಲೆಯ ಫೀಜು, ಸಾಲಗಾರನ ಬಾಯಿ ಮುಚ್ಚುವ ಸಾಧನ. ಅದಕ್ಕೆ ಕೈಯಿಟ್ಟರೆಂಬ ಸುದ್ದಿ ಹಬ್ಬಿದೊಡನೆ ಸಾವಿರ ಸಾವಿರ ಮಂದಿ, ಹೆಚ್ಚಾಗಿ ಹೆಂಗಸರೇ, ಹೊಸೂರು ರಸ್ತೆಗೂ ಪೀಣ್ಯದ ಕಡೆಯ ಹೆದ್ದಾರಿಗೂ ಇಳಿದರು. ಯಾವ ದೊಡ್ಡ ಸಂಘವೂ ಅವರನ್ನು ಕರೆದಿರಲಿಲ್ಲ. ಯಾವ ಧುರೀಣನೂ ಮುಂದೆ ನಿಂತಿರಲಿಲ್ಲ. ಎರಡನೆಯ ದಿನ ಬಸ್ಸುಗಳು ಸುಟ್ಟವು, ಹೆಬ್ಬಗೋಡಿಯ ಪೊಲೀಸು ಠಾಣೆಗೆ ಕಲ್ಲುಬಿದ್ದಿತು, ಲಾಠಿ ಬೀಸಿತು. ಆ ಸಂಜೆಯೇ ಸರಕಾರದವರು ಅಪ್ಪಣೆಯನ್ನು ಹಿಂತೆಗೆದುಕೊಂಡರು.

ಬಸ್ಸು ಸುಟ್ಟವರನ್ನು ನಾವು ಹೊಗಳುವುದಿಲ್ಲ. ಆದರೆ ಅಧಿಕಾರಿಗಳು ಶಾಂತಚಿತ್ತದಿಂದ ಯೋಚಿಸಬೇಕಾದ ಒಂದು ಮಾತುಂಟು. ಆ ಹೆಂಗಸರಲ್ಲಿ ಬಹುಮಂದಿಗೆ ಸಂಘವೂ ಇರಲಿಲ್ಲ, ಮನವಿ ಹಿಡಿದು ಹೋಗುವ ಪ್ರತಿನಿಧಿಯೂ ಇರಲಿಲ್ಲ. ಇದ್ದಿದ್ದರೆ ಫೆಬ್ರುವರಿಯಲ್ಲೇ ಅರ್ಜಿ ಹೋಗುತ್ತಿತ್ತು, ಮಾರ್ಚಿಯಲ್ಲಿ ಮಾತುಕತೆಯಾಗುತ್ತಿತ್ತು. ಏಪ್ರಿಲಿನಲ್ಲಿ ಬೀದಿ ಉರಿಯುತ್ತಿರಲಿಲ್ಲ. ಸಂಘವು ಕಲಹದ ಬೀಜವೆಂದು ನಂಬಿದ ಮಾಲಿಕರು, ಸಂಘವಿಲ್ಲದ ಕಡೆ ಬೆಳೆಯುವ ಪೈರನ್ನೂ ಒಮ್ಮೆ ನೋಡಲಿ.

ಹೊಸ ಸಂಹಿತೆಗಳನ್ನು ಈ ಬೆಳಕಿನಲ್ಲಿಯೇ ಅಳೆಯತಕ್ಕದ್ದು. ಅವುಗಳಲ್ಲಿ ಒಳ್ಳೆಯದೇನೂ ಇಲ್ಲವೆನ್ನುವುದು ನ್ಯಾಯವಲ್ಲ. ಕನಿಷ್ಠ ವೇತನವು ಆಯ್ದ ಉದ್ಯೋಗಗಳಿಗಷ್ಟೇ ಅಲ್ಲದೆ ಎಲ್ಲ ಉದ್ಯೋಗಗಳಿಗೂ ಸಲ್ಲುವಂತಾಯಿತು. ನಿಯಮಿತ ಅವಧಿಗೆ ನೇಮಕವಾದವನಿಗೆ ಒಂದು ವರ್ಷದ ದುಡಿಮೆಗೇ ಗ್ರಾಚ್ಯುಟಿ ದೊರೆಯುವಂತಾಯಿತು. ಆದರೆ ಒಂದು ಕೈಯಿಂದ ಕೊಟ್ಟದ್ದನ್ನು ಇನ್ನೊಂದು ಕೈಯಿಂದ ಕಸಿದಂತಿದೆ. ಹಿಂದೆ ಸಾರ್ವಜನಿಕ ಸೇವೆಗಳಿಗೆ ಮಾತ್ರ ಇದ್ದ ಮುಷ್ಕರದ ಮುನ್ಸೂಚನೆ ಈಗ ಎಲ್ಲ ಕೈಗಾರಿಕೆಗಳಿಗೂ ಕಡ್ಡಾಯ. ಸೂಚನೆ ಕೊಟ್ಟ ೧೪ ದಿವಸಗಳೊಳಗೆ ಕೆಲಸ ನಿಲ್ಲಿಸುವಂತಿಲ್ಲ, ರಾಜಿಯ ಮಾತು ನಡೆಯುವಾಗಲೂ ಇಲ್ಲ. ಅರ್ಧದಷ್ಟು ಮಂದಿ ಒಂದೇ ದಿನ ಕೂಡಿ ರಜೆ ಹಾಕಿದರೆ ಅದೂ ಮುಷ್ಕರವೇ. ನೂರು ಮಂದಿಯ ಕಾರ್ಖಾನೆಯನ್ನು ಮುಚ್ಚಲು ಸರಕಾರದ ಅನುಮತಿ ಬೇಕಾಗಿತ್ತು. ಈಗ ಮುನ್ನೂರಕ್ಕೆ ಏರಿದೆ. ಸಂಘದ ಮಾತಿಗೆ ಹೀಗೆ ಬೇಲಿ ಹಾಕಿದಷ್ಟೂ ಏಪ್ರಿಲ್ ೧೯ರಂಥ ದಿನಗಳಿಗೆ ದಾರಿ ಅಗಲವಾಗುವುದೆಂದು ನಮ್ಮ ಭಯ.

ಧುರೀಣರಿಗೂ ನಾವು ಕಟುವಾದ ಮಾತನ್ನೇ ಹೇಳಬೇಕಾಗಿದೆ. ಒಂದೊಂದು ರಾಜಕೀಯ ಪಕ್ಷಕ್ಕೆ ಒಂದೊಂದು ಸಂಘವೆಂಬಂತೆ ಒಡೆದುಕೊಂಡವರು ಯಾರು? ಕಾಯಂ ನೌಕರನ ಬೋನಸ್ಸಿಗಾಗಿ ತಿಂಗಳುಗಟ್ಟಲೆ ವಾದಿಸಿ, ಅವನ ಪಕ್ಕದಲ್ಲಿಯೇ ಬೆವರಿಳಿಸುವ ಗುತ್ತಿಗೆಯವನನ್ನು ಕಂಡೂ ಕಾಣದಂತೆ ನಡೆದವರು ಯಾರು? ಲಕ್ಷಾಂತರ ಹೆಂಗಸರು ದುಡಿಯುವ ಉದ್ಯೋಗದಲ್ಲಿ ಅವರೊಳಗಿನಿಂದಲೇ ನಾಯಕಿಯರನ್ನು ಬೆಳೆಸಲು ಇಷ್ಟು ವರ್ಷ ಏಕೆ ಬೇಕಾಯಿತು? ಕೋಟೆ ಸೂರೆಹೋದ ಮೇಲೆ ದಿಡ್ಡಿಬಾಗಿಲು ಹಾಕಿದರೆಂಬ ಗಾದೆಯು ಇವರಿಗೂ ಸಲ್ಲುತ್ತದೆ. ಕೆಲವು ಶುಭಚಿಹ್ನೆಗಳಿಲ್ಲದಿಲ್ಲ. ಅಂಗನವಾಡಿಯ ಮತ್ತು ಆಶಾ ಕಾರ್ಯಕರ್ತೆಯರು ನಮ್ಮ ನಾಡಿನಲ್ಲಿ ಮತ್ತೆ ಮತ್ತೆ ಶಾಂತಿಯುತವಾಗಿ ಕೂಡಿ ಗೌರವಧನವನ್ನು ಏರಿಸಿಕೊಂಡಿದ್ದಾರೆ. ಸಂಘವೇ ಬೇಡವೆಂದಿದ್ದ ಗಣಕಯಂತ್ರದ ವಿದ್ಯಾವಂತ ನೌಕರರೂ ಈ ರಾಜ್ಯದಲ್ಲಿ ಸಂಘ ಕಟ್ಟಿಕೊಂಡಿದ್ದಾರೆ.

ಎಲ್ಲರಿಗಿಂತ ಹೊಸಬನು ಊಟದ ಪೊಟ್ಟಣ ಹೊತ್ತು ಬೈಸಿಕಲ್ಲು ಮೋಟಾರುಗಳಲ್ಲಿ ನಮ್ಮ ಮನೆಬಾಗಿಲಿಗೆ ಬರುವ ತರುಣ. ಅವನ ಮೇಸ್ತ್ರಿ ಕೈಯಲ್ಲಿರುವ ಫೋನು. ಅದು ಕೆಲಸ ಕೊಡುತ್ತದೆ, ಒಂದು ಬೆಳಿಗ್ಗೆ ಕಾರಣ ಹೇಳದೆ ಕೊಡದೆಯೂ ಇರುತ್ತದೆ. ಇವನಿಗಾಗಿ ಕರ್ನಾಟಕ ಸರಕಾರದವರು ೨೦೨೫ರಲ್ಲಿ ಕಾಯಿದೆ ಮಾಡಿದ್ದು ಶ್ಲಾಘ್ಯ. ಪ್ರತಿ ವ್ಯವಹಾರದಲ್ಲಿ ಇವನಿಗೆ ಸಲ್ಲುವ ಹಣದ ಮೇಲೆ ಕಂಪೆನಿಗಳು ನೂರಕ್ಕೆ ಒಂದರಿಂದ ಐದರವರೆಗೆ ಕ್ಷೇಮಶುಲ್ಕ ತೆರಬೇಕು. ಕಾರಣ ತಿಳಿಸಿ ೧೪ ದಿವಸಗಳ ಸೂಚನೆ ಕೊಡದೆ ತೆಗೆದುಹಾಕಕೂಡದು. ಆದರೆ ಕೇಂದ್ರದ ಸಾಮಾಜಿಕ ಭದ್ರತೆಯ ಸಂಹಿತೆಯಲ್ಲಿ ಹೆಸರು ಪಡೆದ ಇವನಿಗೆ ಕೈಗಾರಿಕಾ ಸಂಬಂಧಗಳ ಸಂಹಿತೆಯಲ್ಲಿ ಸ್ಥಾನವಿಲ್ಲ. ಕ್ಷೇಮ ಉಂಟು, ಕೂಡಿ ಮಾತನಾಡುವ ಹಕ್ಕು ಮಾತ್ರ ಇಲ್ಲ. ಇದು ಕರುಣೆಯಾದೀತೇ ಹೊರತು ನ್ಯಾಯವಾಗಲಾರದು.

ನಮ್ಮ ಮತವನ್ನು ಸಂಕ್ಷೇಪವಾಗಿ ಹೇಳಿ ಮುಗಿಸುವೆವು. ಸಂಘಗಳು ಗುತ್ತಿಗೆಯವರಿಗೂ ಹೆಂಗಸರಿಗೂ ಬಾಗಿಲು ತೆರೆದು, ಪಕ್ಷಗಳ ಜಗಲಿಯನ್ನು ಬಿಟ್ಟು ಇಳಿಯಲಿ. ಸರಕಾರದವರು ಕೂಡಿ ಮಾತನಾಡುವ ಹಕ್ಕನ್ನು ಸಂಬಳದ ಚೀಟಿ ಯಾರು ಕೊಡುತ್ತಾರೆಂಬುದರ ಮೇಲೆ ಅಳೆಯದೆ, ದುಡಿಮೆ ಯಾರಿಗೆ ಸಲ್ಲುತ್ತದೆಂಬುದರ ಮೇಲೆ ಅಳೆಯಲಿ. ಕೈಗೆ ಸಿಗುವ ಸಂಘವನ್ನು ಮಾಲಿಕರು ಶತ್ರುವೆಂದೆಣಿಸದಿರಲಿ. ಸ್ವಾತಂತ್ರ್ಯದ ಹೋರಾಟದಲ್ಲಿ ಗಿರಣಿಯ ಕೂಲಿಕಾರನೂ ಪಾಲುಗಾರನಾಗಿದ್ದನು; ಆ ಸ್ವಾತಂತ್ರ್ಯದ ಫಲದಲ್ಲಿ ಇಂದಿನ ಹೊಲಿಗೆಯ ಹೆಣ್ಣುಮಗಳಿಗೂ ಪೊಟ್ಟಣ ಹೊತ್ತ ತರುಣನಿಗೂ ಪಾಲಿಲ್ಲವೆಂದು ಹೇಳುವ ಧೈರ್ಯ ಯಾರಿಗಿದೆ?