ಕೋಳಿ ಶೆಡ್ಡೂ ಗ್ರಾಮ ಪಂಚಾಯತಿಯೂ

ದೊಡ್ಡಬಳ್ಳಾಪುರ ತಾಲ್ಲೂಕಿನ ನಮ್ಮ ಹಳ್ಳಿಯಲ್ಲಿ ಅಜ್ಜಿ ಹಿತ್ತಿಲಿನಲ್ಲಿ ಆರು ನಾಟಿ ಕೋಳಿಗಳನ್ನು ಸಾಕಿದ್ದಳು. ಇಂದು ಅದೇ ಊರಿನ ಅಂಚಿನಲ್ಲಿ ನನ್ನ ಸೋದರಮಾವನವರು 10,000 ಮೊಟ್ಟೆಕೋಳಿಗಳ ಶೆಡ್ಡು ಹಾಕಿದ್ದಾರೆ. ಕಾಯಿದೆಯ ಕಣ್ಣಿಗೆ ಇವೆರಡೂ ಒಂದೇ. 1961ರ ಕರ್ನಾಟಕ ಭೂ ಸುಧಾರಣಾ ಕಾಯಿದೆಯು ಹೈನುಗಾರಿಕೆ, ಕೋಳಿ ಸಾಕಣೆಗಳನ್ನೂ 'ವ್ಯವಸಾಯ' ಎಂಬ ಪದದೊಳಗೆ ಸೇರಿಸಿದೆ. ರೈತನ ಹಿತದೃಷ್ಟಿಯಿಂದ ಇದು ಯೋಗ್ಯವೇ. ಆದರೆ ಆರು ಕೋಳಿಗೂ ಹತ್ತು ಸಾವಿರ ಕೋಳಿಗೂ ಒಂದೇ ಹೆಸರು ಸಾಕೇ ಎಂಬುದು ನನ್ನ ಪ್ರಶ್ನೆ.

ಮೊಟ್ಟೆಕೋಳಿಯೊಂದು ದಿನಕ್ಕೆ ಸುಮಾರು 100 ಗ್ರಾಂ ಹಿಕ್ಕೆ ಹಾಕುತ್ತದೆ. ಮಾವನವರ ಶೆಡ್ಡಿನಲ್ಲಿ ದಿನಕ್ಕೊಂದು ಟನ್ನಾಯಿತು! ಒಣಗಿದರೆ ಅದು ಬೆಲೆಬಾಳುವ ಗೊಬ್ಬರ. ಒದ್ದೆಯಾದರೆ ನೊಣದ ತೊಟ್ಟಿಲು. ಬೆಚ್ಚನೆಯ ದಿನಗಳಲ್ಲಿ ನೊಣದ ಮೊಟ್ಟೆ ಒಂದೆರಡು ವಾರದೊಳಗೆ ಹಾರುವ ನೊಣವಾಗುತ್ತದೆ. ನಮ್ಮ ಮನೆಯಲ್ಲಿ ಮುದ್ದೆಯ ತಟ್ಟೆಗೆ ಇನ್ನೊಂದು ತಟ್ಟೆ ಮುಚ್ಚಿ, ತುತ್ತಿಗೊಮ್ಮೆ ಎತ್ತಿ ಉಣ್ಣುತ್ತೇವೆ. ಮಾವನವರ ಮನೆಯಲ್ಲಿಯೂ ಹಾಗೆಯೇ.

ಗ್ರಾಮಸಭೆಯಲ್ಲಿ ಹೆಂಗಸರು ಎದ್ದು ನಿಂತು ಕೇಳಿದರು. "ಇದು ವ್ಯವಸಾಯ, ಭೂಪರಿವರ್ತನೆಯ ಪ್ರಶ್ನೆಯೇ ಇಲ್ಲ. ನಮ್ಮ ಕೈಯಲ್ಲೇನಿದೆ? ಮಾಲಿನ್ಯ ನಿಯಂತ್ರಣ ಮಂಡಳಿಗೆ ಬರೆಯಿರಿ" ಎಂಬ ಉತ್ತರ ಬಂದಿತು. ನನಗೆ ಆಶ್ಚರ್ಯವಾಯಿತು. ಏಕೆಂದರೆ 1993ರಲ್ಲಿ ಜಾರಿಗೆ ಬಂದ ಸಂವಿಧಾನದ 73ನೆಯ ತಿದ್ದುಪಡಿಯೊಡನೆ ಸೇರಿದ ಹನ್ನೊಂದನೆಯ ಅನುಸೂಚಿಯ 29 ವಿಷಯಗಳಲ್ಲಿ ನಾಲ್ಕನೆಯದೇ ಪಶುಸಂಗೋಪನೆ, ಹೈನುಗಾರಿಕೆ ಮತ್ತು ಕೋಳಿ ಸಾಕಣೆ. ಆದರೆ ಪಂಚಾಯತಿಗೆ ಯಾವ ಅಧಿಕಾರವನ್ನು ಎಷ್ಟು ಕೊಡಬೇಕೆಂಬುದನ್ನು ರಾಜ್ಯ ಶಾಸಕಾಂಗಕ್ಕೇ ಬಿಡಲಾಗಿದೆ. ದೇವರು ವರ ಕೊಟ್ಟರೂ ಪೂಜಾರಿ ಕೊಡನೆಂಬ ಗಾದೆ ಸುಳ್ಳಲ್ಲ.

ಮೇಲಿನವರು ಏನೂ ಮಾಡಿಲ್ಲವೆಂದಲ್ಲ. ರಾಷ್ಟ್ರೀಯ ಹಸಿರು ನ್ಯಾಯಮಂಡಳಿಯು 2020ರಲ್ಲಿ ಕೊಟ್ಟ ಆದೇಶದ ಮೇಲೆ ಕೇಂದ್ರ ಮಂಡಳಿಯು ತನ್ನ ಮಾರ್ಗಸೂಚಿಯನ್ನು ತಿದ್ದಿತು. 5,000ಕ್ಕೂ ಹೆಚ್ಚು ಕೋಳಿಗಳ ಶೆಡ್ಡಿಗೆ ರಾಜ್ಯ ಮಂಡಳಿಯ ಸಮ್ಮತಿ ಬೇಕೆಂದಾಯಿತು. ಒಳ್ಳೆಯದೇ. ಆದರೆ ಸಮ್ಮತಿಪತ್ರ ಕೊಡುವವರ ತಟ್ಟೆಯ ಮೇಲೆ ನಮ್ಮೂರ ನೊಣ ಕೂರುವುದಿಲ್ಲ.

ಈ ತೊಡಕು ನಮ್ಮೊಬ್ಬರದಲ್ಲ. ಅಮೆರಿಕದ ಅಯೋವಾ ರಾಜ್ಯದಲ್ಲಿ ಹಂಬೋಲ್ಟ್ ಕೌಂಟಿಯವರು ದೊಡ್ಡ ಪಶು ಸಾಕಣೆ ಶೆಡ್ಡುಗಳ ಮೇಲೆ ತಮ್ಮದೇ ನಿಯಮಗಳನ್ನು ಮಾಡಿದ್ದರು. 1998ರಲ್ಲಿ ಅಲ್ಲಿನ ಸರ್ವೋಚ್ಚ ನ್ಯಾಯಾಲಯವು, ರಾಜ್ಯದ ಕಾಯಿದೆಯ ಮುಂದೆ ಅವು ನಿಲ್ಲವೆಂದು ತಳ್ಳಿಹಾಕಿತು. ಶ್ರೀಮಂತ ದೇಶದ ಹಳ್ಳಿಗನಿಗೂ ತನ್ನ ಊರಿನ ಗಾಳಿಯ ಮೇಲೆ ಹಕ್ಕು ಸಿಕ್ಕಲಿಲ್ಲ.

ಎದುರು ವಾದವನ್ನೂ ನಾನು ಬಲ್ಲೆ. ಮಾವನವರ ತಲೆಯ ಮೇಲೆ ಬ್ಯಾಂಕಿನ ಸಾಲವಿದೆ. ಊರಿನಲ್ಲಿ ಪಕ್ಷಗಳಿವೆ, ಇಂದು ಗೆದ್ದವರು ನಾಳೆ ಹಗೆ ತೀರಿಸಿಕೊಳ್ಳಲು ಶೆಡ್ಡಿಗೆ ಬೀಗ ಹಾಕಿಸಬಹುದು. ಶಾಲೆಯ ಮಕ್ಕಳಿಗೆ ಕೊಡುವ ಮೊಟ್ಟೆಯೂ ಇಂಥ ಶೆಡ್ಡುಗಳಿಂದಲೇ ಬರತಕ್ಕದ್ದು. ಆದುದರಿಂದ ಮುಚ್ಚಿಸುವ ಅಧಿಕಾರವನ್ನು ನಾನು ಕೇಳುತ್ತಿಲ್ಲ. ರಾಜ್ಯವು ಕನಿಷ್ಠ ನಿಯಮವನ್ನು ಗೊತ್ತುಮಾಡಲಿ. ಅದಕ್ಕಿಂತ ಬಿಗಿಯಾದ ಷರತ್ತನ್ನು, ಉಭಯ ಪಕ್ಷಗಳನ್ನು ಕೇಳಿದ ಮೇಲೆ, ಪಂಚಾಯತಿ ಹಾಕಲಿ: ಸೋರುವ ನೀರಿನ ಕೊಳವೆ ದುರಸ್ತಿಯಾಗಬೇಕು, ಗೊಬ್ಬರ ಇಂತಿಷ್ಟು ದಿನಕ್ಕೊಮ್ಮೆ ಸಾಗಬೇಕು, ಸಾಗುವಾಗ ಮುಚ್ಚಿರಬೇಕು. ಅನ್ಯಾಯವಾದವರಿಗೆ ಮೇಲ್ಮನವಿ ಇರಲಿ.

ಸಹಪಾಠಿ ಮಿತ್ರರಲ್ಲಿ ನನ್ನದೊಂದು ವಿನಂತಿ. ಹದಿನೆಂಟು ತುಂಬಿ, ಊರಿನ ಮತದಾರರ ಪಟ್ಟಿಯಲ್ಲಿ ಹೆಸರಿರುವ ನಾವೆಲ್ಲರೂ ಗ್ರಾಮಸಭೆಯ ಸದಸ್ಯರೇ. ರಜೆಯಲ್ಲಿ ಊರಿಗೆ ಹೋದಾಗ ಆ ಸಭೆಗೆ ಹೋಗಿ ಕುಳಿತುಕೊಳ್ಳೋಣ. "ನಮ್ಮ ಕೈಯಲ್ಲೇನಿದೆ" ಎಂಬ ಉತ್ತರ ಬಂದರೆ, "ಏನಿರಬೇಕು" ಎಂಬುದನ್ನು ಠರಾವಿನಲ್ಲಿ ಬರೆಯಿಸಿ ಸರ್ಕಾರಕ್ಕೆ ಕಳುಹಿಸೋಣ. ನಮ್ಮ ಮಾವನವರೂ ಅದಕ್ಕೆ ರುಜು ಹಾಕುವುದಾಗಿ ಹೇಳಿದ್ದಾರೆ.